ನೆಂಟರ ಮನೆಗೆ ಹೊರಟ ಬಸ್ಸು

ನನಗೆ ಸಿಟ್ಟು ಮೂಗಿನ ತುದಿಯಲ್ಲೇ ಇರುತ್ತದೆ ಎಂದು ನನ್ನ ಚಿಕ್ಕಮ್ಮ ಊರೆಲ್ಲ ಹೇಳಿಕೊಂಡು ಬಂದಿದ್ದಾಳೆ. ಹೇಳಲಿ ಬಿಡಿ. ಆದರೆ ಒಂದು ಬೆಳಿಗ್ಗೆ ತುಂಬಿದ ಬಸ್ಸಿನಲ್ಲಿ ಆ ಸಿಟ್ಟು ಅವಳ ಮೇಲೆಯೇ ಹರಿಯುವ ಹಾಗೆ ಮಾಡಿದವಳೂ ಅವಳೇ.

ನಾನು ಶಿವಮೊಗ್ಗದ ಕಾಲೇಜೊಂದರಲ್ಲಿ ಅರ್ಥಶಾಸ್ತ್ರ ಪಾಠ ಮಾಡುತ್ತೇನೆ. ಗಾಜನೂರಿನ ಆಚೆಯ ಹಳ್ಳಿಯಿಂದ ಹೊರಟು, ಶಿವಮೊಗ್ಗ ದಾಟಿ, ಭದ್ರಾವತಿಗೆ ಹೋಗುವ ಬೆಳಗಿನ ಬಸ್ಸೊಂದಿದೆ. ಹೆಂಗಸರಿಗೆ ಟಿಕೆಟ್ ಫ್ರೀ ಆದ ಮೇಲೆ ಅದರಲ್ಲಿ ಕಾಲಿಡಲು ಜಾಗವಿಲ್ಲ. ಗಂಡಸರು ಬೈಕು ಹತ್ತಿ ಹೋಗಿಬಿಡುವುದರಿಂದ ಕಲೆಕ್ಷನ್ ಮಾತ್ರ ಅಷ್ಟಕ್ಕಷ್ಟೇ. ಈ ಟ್ರಿಪ್ಪನ್ನು ಬೇರೆ ರೂಟಿಗೆ ಹಾಕಬೇಕೆಂಬ ಮಾತು ಎದ್ದಿತು. ಅದಕ್ಕೂ ಮೊದಲು, ಬಸ್ಸಿನಿಂದ ಹಳ್ಳಿಯವರ ದುಡಿಮೆಗೆ ಆಗುವ ಲಾಭವೇನು ಎಂದು ಅಳೆದು ವರದಿ ಕೊಡಿ ಎಂದು ಸಾರಿಗೆ ಸಂಸ್ಥೆಯವರು ನಮ್ಮ ಕಾಲೇಜನ್ನು ಕೇಳಿದರು. ಪ್ರಿನ್ಸಿಪಾಲರು ಅದನ್ನು ನನ್ನ ಕೊರಳಿಗೆ ಕಟ್ಟಿದರು. ಬಾಯಲ್ಲಿ ಗೊಣಗಿದೆನಾದರೂ ಒಳಗೊಳಗೇ ಖುಷಿಯಾಗಿತ್ತು. ಯಾಕೆಂದರೆ ಅದು ಚಿಕ್ಕಮ್ಮನ ಬಸ್ಸು.

ಆ ಹಳ್ಳಿಯಲ್ಲೇ ಇರುವ ಚಿಕ್ಕಮ್ಮ ದಿನಾ ಅದರಲ್ಲಿ ಭದ್ರಾವತಿಗೆ ಹೋಗಿ, ಕಾಗದನಗರದ ದಾರಿಯ ಖಾನಾವಳಿಯೊಂದರಲ್ಲಿ ರೊಟ್ಟಿ ತಟ್ಟುತ್ತಾಳೆ. ಚಿಕ್ಕಪ್ಪ ತೀರಿಕೊಂಡ ಮೇಲೆ ಹಿಡಿದ ಕೆಲಸ. ಮಕ್ಕಳಿಲ್ಲ. ನಮ್ಮ ಮನೆತನದ ಹೆಂಗಸು ಖಾನಾವಳಿಯಲ್ಲಿ ರೊಟ್ಟಿ ತಟ್ಟುವುದೇ ಎಂದು ಬಂಧುಬಳಗದವರು ಮೂಗು ಮುರಿದಾಗ, "ತಟ್ಟೋಕೆ ಬರ್ದೇ ಇರೋರು ಮಾತಾಡ್ಲಿ ಬಿಡು" ಎಂದವಳು. ಆ ಬಸ್ಸು ತಪ್ಪಿದರೆ ಮುಂದಿನದು ಹೊತ್ತೇರಿದ ಮೇಲೆ. ಅದರಲ್ಲಿ ಹೋದರೆ ಮಧ್ಯಾಹ್ನದ ಊಟಕ್ಕೆ ರೊಟ್ಟಿ ಆಗುವುದಿಲ್ಲ. ಬಸ್ಸು ನಿಂತರೆ ಅವಳ ಕೆಲಸವೂ ನಿಂತ ಹಾಗೆಯೇ.

ಒಂದು ಸೋಮವಾರ ಹಳ್ಳಿಯಲ್ಲೇ ಬಸ್ಸು ಹತ್ತಿ, ಪ್ರಶ್ನೆಗಳ ಹಾಳೆ ಹಿಡಿದು ಮುಂದಿನ ಸೀಟಿನಿಂದ ಶುರು ಮಾಡಿದೆ. ಅಲ್ಲಿದ್ದ ಹೆಂಗಸಿನ ಕಾಲ ಬಳಿ ಬಸಳೆ ಸೊಪ್ಪಿನ ದೊಡ್ಡ ಮೂಟೆಯಿತ್ತು.

"ಎಲ್ಲಿಗಮ್ಮ ಹೊರಟಿರೋದು?"

"ನೆಂಟರ ಮನೆಗೆ ಮೇಡಂ."

"ಈ ಸೊಪ್ಪು?"

"ಅವ್ರಿಗೇ."

"ಇಷ್ಟೊಂದಾ?"

"ದೊಡ್ಡ ಸಂಸಾರ ಮೇಡಂ."

ಹಿಂದಿನ ಸೀಟಿನ ಹುಡುಗಿ ಕೊರಳಲ್ಲಿದ್ದ ಬಟ್ಟೆ ಅಂಗಡಿಯ ಐಡಿ ಕಾರ್ಡನ್ನು ವೇಲಿನೊಳಗೆ ಸರಿಸಿಕೊಂಡು, ತಾನೂ ನೆಂಟರ ಮನೆಗೇ ಎಂದಳು. ಅವಳ ಪಕ್ಕದವಳೂ ಹಾಗೆಯೇ. ಯಾರಿಗೂ ಕೆಲಸವಿಲ್ಲ, ಯಾರಿಗೂ ಆದಾಯವಿಲ್ಲ. "ಸೋಮವಾರ ಬೆಳಿಗ್ಗೆ ಇಡೀ ಬಸ್ಸೇ ನೆಂಟರ ಮನೆಗೆ ಹೊರಟಿದೆ ನೋಡಿ ಮೇಡಂ" ಎಂದು ಕಂಡಕ್ಟರ್ ನಕ್ಕ. ಕೊನೆಗೆ ಕಿಟಕಿ ಪಕ್ಕ ಕೂತಿದ್ದ ಚಿಕ್ಕಮ್ಮನ ಹತ್ತಿರ ಬಂದೆ. ಇವಳಾದರೂ ನಿಜ ಹೇಳುತ್ತಾಳೆ ಎಂದು ನಂಬಿದ್ದೆ.

"ಮಗಳ ಮನೆಗೆ" ಎಂದಳು, ಹೊರಗೆ ನೋಡುತ್ತಾ.

"ನಿಂಗೆಲ್ಲಿದಾಳೆ ಮಗಳು?" ಎಂದು ನಾನು ಕೂಗಿದ್ದು ಡ್ರೈವರಿಗೂ ಕೇಳಿಸಿತು. ಶಿವಮೊಗ್ಗ ಬಸ್‌ಸ್ಟ್ಯಾಂಡಿನಲ್ಲಿ ಧುಮುಗುಡುತ್ತಾ ಇಳಿದುಬಿಟ್ಟೆ.

ಸಂಜೆ ಫೋನಿನಲ್ಲಿ ವಿಷಯ ಹೊರಬಿತ್ತು.

"ದುಡೀತೀನಿ ಅಂತ ಬರ್ಸಿದ್ರೆ ಬಿಪಿಎಲ್ ಕಾರ್ಡು ಕಿತ್ಕೊಳ್ತಾರಂತೆ ಮಾರಾಯ್ತಿ. ಆಮೇಲೆ ಅಕ್ಕಿಗೇನು ಮಾಡೋದು?"

"ನಾನು ಯಾರ ಹೆಸರೂ ಬರ್ಕೊಳ್ಳಲ್ಲ ಚಿಕ್ಕಮ್ಮ."

"ಮುಖ ನೋಡಿದೀಯಲ್ಲ."

"ಹಿಂಗೇ ಹೇಳ್ತಾ ಇದ್ರೆ ಬಸ್ಸೇ ಹೋಗುತ್ತೆ. ಆಮೇಲೆ ಕೂತ್ಕೊಂಡು ಅಳು."

"ತುಂಬಿದ ಬಸ್ಸನ್ನ ಯಾರು ನಿಲ್ಲಿಸ್ತಾರೆ? ನಿಂಗೆ ಬುದ್ಧಿ ಇಲ್ಲ" ಎಂದು ಫೋನಿಟ್ಟಳು.

ನೆಂಟರ ಮೇಲೆ ಪ್ರೀತಿ, ಅಕ್ಕಿ ಮೇಲೆ ಆಸೆ ಎನ್ನುವ ಗಾದೆಯನ್ನು ಹೀಗೆ ಬಸ್ಸು ಹತ್ತಿಸಿದ್ದನ್ನು ನಾನು ಕಂಡಿರಲಿಲ್ಲ. ನನ್ನ ಹಾಳೆಗಳ ಪ್ರಕಾರ ಆ ಬಸ್ಸಿನ ಲಾಭ ಸೊನ್ನೆ. ಅದನ್ನೇ ಕಳಿಸಿದರೆ ಚಿಕ್ಕಮ್ಮನ ಅನ್ನಕ್ಕೆ ನಾನೇ ಕಲ್ಲು ಹಾಕಿದ ಹಾಗೆ. ಇಲ್ಲದ್ದನ್ನು ಬರೆಯಲು ಮನಸ್ಸು ಒಪ್ಪಲಿಲ್ಲ. ಅವಳ ಜೊತೆ ಮಾತು ಬಿಟ್ಟೆ. ಅವಳೂ ಬಿಟ್ಟಳು.

ಆ ವಾರವೇ ಯಾವುದೋ ಸಮಾವೇಶಕ್ಕೆಂದು ಊರೂರಿನ ಬಸ್ಸುಗಳನ್ನು ಕರೆಸಿಕೊಂಡರು. ನಮ್ಮ ಬೆಳಗಿನ ಬಸ್ಸೂ ಹೋಯಿತು. ಸುದ್ದಿ ತಿಳಿದದ್ದೇ ತಡ, ಕಾಲೇಜಿಗೆ ರಜೆ ಹಾಕಿ ಸ್ಕೂಟಿಯಲ್ಲಿ ಭದ್ರಾವತಿಗೆ ಹೊರಟೆ. ಬಸ್ಸಿನಲ್ಲಿ ಹೋಗುವವರು ಬಾಯಿ ಬಿಡದಿದ್ದರೆ ಬೇಡ, ಅವರ ನೆಂಟರನ್ನೇ ಕೇಳಿದರಾಯಿತು.

ಖಾನಾವಳಿಯಲ್ಲಿ ಬರೀ ಅನ್ನ ಸಾರು. ಕಾರ್ಖಾನೆ ಕಡೆಯ ಹಿರಿಯರೊಬ್ಬರು ತಮಿಳಿನಲ್ಲಿ ಬೈದು, ಸಾಲದೆಂದು ಕನ್ನಡದಲ್ಲೂ ಬೈದು ಎದ್ದು ಹೋದರು. "ರೊಟ್ಟಿ ತಟ್ಟೋರು ಬಂದಿಲ್ಲ ಸ್ವಾಮಿ, ಬಸ್ಸಿಲ್ಲ" ಎಂದು ಮಾಲೀಕ ಬಂದವರಿಗೆಲ್ಲ ಹೇಳಿ ಸುಸ್ತಾಗಿದ್ದ. ಮಾರ್ಕೆಟ್ಟಿನಲ್ಲಿ ಸೊಪ್ಪಿನವಳ ಜಾಗದಲ್ಲಿ ಹಸು ಮಲಗಿತ್ತು. ಬಟ್ಟೆ ಅಂಗಡಿಯ ಯಜಮಾನರು ತಾವೇ ಸೀರೆ ಮಡಿಸುತ್ತಾ ಬೆವರುತ್ತಿದ್ದರು. ಬಸ್ಸು ಬಂದ ದಿನ ನಿಮ್ಮ ವ್ಯಾಪಾರವೆಷ್ಟು, ಬಾರದ ದಿನ ಎಷ್ಟು ಎಂದು ಎಲ್ಲರನ್ನೂ ಕೇಳಿ ಬರೆದುಕೊಂಡೆ. ಅವರಿಗೆ ಕಾರ್ಡಿನ ಭಯವಿರಲಿಲ್ಲ, ಹೊಟ್ಟೆ ಉರಿಯುತ್ತಿತ್ತು, ಧಾರಾಳವಾಗಿ ಹೇಳಿದರು. ಹಳ್ಳಿಯ ಒಬ್ಬರ ಹೆಸರೂ ಇಲ್ಲದೆ ವರದಿ ತಯಾರಾಯಿತು.

ಅದನ್ನು ಓದಿ ಉಳಿಸಿದರೋ, ಓದದೆ ಉಳಿಸಿದರೋ, ಬಸ್ಸಂತೂ ಉಳಿಯಿತು. ಚಿಕ್ಕಮ್ಮನಿಗೆ ನಾನು ಫೋನ್ ಮಾಡಲಿಲ್ಲ. ಅವಳೇ ಮಾಡಲಿ ಎಂಬ ಹಟ ನನಗೆ.

ಖಾನಾವಳಿಗೆ ರಜೆಯಿದ್ದ ಒಂದು ಭಾನುವಾರ ಶಿವಮೊಗ್ಗದ ವಿದ್ಯಾನಗರದ ನಮ್ಮ ಮನೆಯ ಬೆಲ್ಲು ಹೊಡೆಯಿತು. ಬಾಗಿಲಲ್ಲಿ ಚಿಕ್ಕಮ್ಮ, ಕೈಯಲ್ಲಿ ಅಕ್ಕಿಹಿಟ್ಟಿನ ಚೀಲ. ಎಷ್ಟು ಕರೆದರೂ ಹೊತ್ತಿಲ್ಲ ಎನ್ನುತ್ತಿದ್ದವಳು, ಅದೇ ಬಸ್ಸಿನಲ್ಲಿ ಬಂದು ನಡುದಾರಿಯಲ್ಲೇ ಇಳಿದಿದ್ದಳು.

"ಅವತ್ತು ಕೇಳಿದ್ಯಲ್ಲ, ಈಗ ಕೇಳು."

"ಏನು ಕೇಳ್ಲಿ?"

"ಎಲ್ಲಿಗೆ ಹೊರಟೆ ಅಂತ."

ಮುಖ ಗಂಟಿಕ್ಕಿಕೊಂಡೇ ಕೇಳಿದೆ.

"ಮಗಳ ಮನೆಗೆ" ಎಂದಳು. "ಅವತ್ತೂ ಸುಳ್ಳು ಹೇಳಿರ್ಲಿಲ್ಲ ಕಣೇ. ಇಳಿಯೋ ಸ್ಟಾಪು ಬೇರೆ ಇತ್ತು, ಅಷ್ಟೇ."

ನನಗೆ ಅಳು ತಡೆಯಲಾಗಲಿಲ್ಲ. ಅವಳು ನನ್ನನ್ನು ಸರಿಸಿಕೊಂಡು ಒಳಗೆ ಹೋಗಿ, ಹೆಂಚು ಎಲ್ಲಿಟ್ಟಿದೀಯ ಎಂದು ಅಡುಗೆಮನೆಯಿಂದ ಕೇಳಿದಳು.