ಫ್ಲೋರಿಯಾನಾ ಮೇಡಂ ಅವರ ಸ್ವಂತ ಸ್ವರ

ಫ್ಲೋರಿಯಾನಾ ಮೇಡಂ ಒಂದರಿಂದ ಮೂವತ್ತರವರೆಗೆ ಎಣಿಸಿದರೆ ಕೇಳಿದವರ ಕಣ್ಣಲ್ಲಿ ನೀರು ಬರುತ್ತಿತ್ತು. ಇದು ಹೊಗಳಿಕೆಗೆ ಹೇಳಿದ ಮಾತಲ್ಲ. ನಮ್ಮ ಸ್ಟುಡಿಯೋದ ಹಳೇ ಸೋಫಾದ ಮೇಲೆ ಕೂತು, ಮಡಿಲಲ್ಲಿ ಬಿಸಿನೀರಿನ ಫ್ಲಾಸ್ಕ್ ಇಟ್ಟುಕೊಂಡು, ಅವರು ಇಟಾಲಿಯನ್ನಿನಲ್ಲಿ ಊನೋ, ದೂಯೆ, ತ್ರೇ ಎಂದು ಶುರು ಮಾಡುತ್ತಿದ್ದರು. ಹತ್ತಕ್ಕೆ ಬರುವಷ್ಟರಲ್ಲಿ ಯಾರೋ ಮನೆ ಬಿಟ್ಟು ಹೊರಟಿದ್ದಾರೆ ಅನಿಸುತ್ತಿತ್ತು. ಹದಿನೆಂಟಕ್ಕೆ, ಹೋದವನು ತಿರುಗಿ ನೋಡುವುದಿಲ್ಲ ಎಂದು ಗೊತ್ತಾಗುತ್ತಿತ್ತು. ಇಪ್ಪತ್ತೇಳಕ್ಕೆ ಕೆಳತುಟಿ ಒಂದು ಚೂರು ನಡುಗುತ್ತಿತ್ತು, ಅಷ್ಟೇ. ನನ್ನ ಹೆಂಡತಿ ಲಿಲ್ಲಿ ಮೊದಲ ಸಲ ಕೇಳಿದಾಗ ಶಾಲಿನ ತುದಿಯಿಂದ ಮೂಗು ಒರೆಸಿಕೊಂಡು, "ಅವರು ಎಂತ ಹೇಳಿದ್ದು ಈಗ?" ಎಂದು ಕೇಳಿದಳು. "ಬರೀ ಲೆಕ್ಕ ಮಾರಾಯ್ತಿ, ಒಂದನೇ ಕ್ಲಾಸಿನದ್ದು" ಎಂದರೆ ನಂಬಲೇ ಇಲ್ಲ.

ಆ ಎಣಿಕೆ ಅವರು ಶೋಕಿಗೆ ಕಲಿತದ್ದಲ್ಲ, ಕಸುಬಿನಲ್ಲಿ ಕಲಿತದ್ದು. ಹತ್ತೊಂಬತ್ತನೇ ವಯಸ್ಸಿಗೆ ಸಿನಿಮಾಕ್ಕೆ ಬಂದವರು ಅವರು. ಆ ಕಾಲದಲ್ಲಿ ಅವರ ಇಟಲಿಯಲ್ಲಿ ಚಿತ್ರೀಕರಣದ ಹೊತ್ತಿಗೆ ಧ್ವನಿ ಹಿಡಿಯುತ್ತಿರಲಿಲ್ಲವಂತೆ. ಮಾತೆಲ್ಲ ಆಮೇಲೆ ಬೇರೆಯವರು ಬಂದು ಕೂರಿಸುವುದು. ಕೆಲವು ಸಲ ಸೆಟ್ಟಿಗೆ ಬರುವಾಗ ಸಂಭಾಷಣೆಯನ್ನೇ ಬರೆದಿರುತ್ತಿರಲಿಲ್ಲ. "ನೀನು ಸುಮ್ಮನೆ ಎಣಿಸು, ಮುಖ ಮಾತ್ರ ಸರಿ ಇರಲಿ" ಎಂದು ನಿರ್ದೇಶಕ ಹೇಳುವುದು, ಇವರು ಎಣಿಸುತ್ತ ಅಳುವುದು, ಎಣಿಸುತ್ತ ಮುತ್ತಿಡುವುದು, ಎಣಿಸುತ್ತ ಸಾಯುವುದು. ಒಂಬತ್ತು ಸಿನಿಮಾಗಳಲ್ಲಿ ಅವರಿಗೆ ಸ್ವರ ಕೊಟ್ಟದ್ದು ಒಬ್ಬಳೇ ಹೆಂಗಸು. ಆಮೇಲೆ ಟೆಲಿವಿಷನ್ ಧಾರಾವಾಹಿಗೆ ಬಂದರು. ಅಲ್ಲಿ ಆರು ವರ್ಷ ಡಾಕ್ಟರನ ಹೆಂಡತಿಯ ಪಾತ್ರ. ಜನರಿಗೆ ಆ ಸ್ವರವೇ ಅಭ್ಯಾಸವಾಗಿದೆ ಎಂದು ಅಲ್ಲಿಗೂ ಅವಳನ್ನೇ ಕರೆಸಿದರು. ಹೀಗೆ ಮೂವತ್ತು ವರ್ಷ ಪರದೆಯ ಮೇಲಿದ್ದ ಹೆಣ್ಣು ಒಂದೇ ಒಂದು ಮಾತನ್ನೂ ತನ್ನ ಗಂಟಲಿನಿಂದ ಆಡಲಿಲ್ಲ.

"ಒಮ್ಮೆ ಬ್ರೆಡ್ಡಿನ ಅಂಗಡಿಗೆ ಹೋಗಿದ್ದೆ ವಾಲ್ತೆರ್" ಎಂದು ಹೇಳಿದ್ದರು. ವಾಲ್ಟರ್ ಎಂಬ ನನ್ನ ಹೆಸರನ್ನು ಅವರು ಹೇಳುತ್ತಿದ್ದದ್ದು ಹಾಗೆ. ಅವರದ್ದು ಮುರುಕು ಇಂಗ್ಲಿಷ್. ನಾನು ಅದನ್ನು ನನ್ನ ಕನ್ನಡದಲ್ಲಿ ಬರೆಯುತ್ತಿದ್ದೇನೆ. ಅವರ ಮಾತಿಗೆ ನನ್ನೂರು ಶಿರ್ವದ ವಾಸನೆ ಬಂದರೆ ಅದು ನನ್ನ ತಪ್ಪು. "ಅಂಗಡಿಯ ಹೆಂಗಸು ನನ್ನನ್ನು ನೋಡಿ ಕೈ ಕಟ್ಟಿಕೊಂಡು ನಿಂತಳು, ಮಾತಾ ಮೇರಿಯನ್ನು ಕಂಡ ಹಾಗೆ. ನಾನು ಎರಡು ಬ್ರೆಡ್ ಕೊಡು ಅಂದೆ. ಅವಳ ಮುಖ ಬಾಡಿ ಹೋಯ್ತು. ಓ, ನೀವು ಅವರಲ್ಲ, ಅವರ ಹಾಗೆ ಕಾಣ್ತೀರಿ ಅಷ್ಟೇ ಅಂದಳು. ನಾನು ಹೌದು ಅಂದೆ. ಬ್ರೆಡ್ ತಗೊಂಡು ಬಂದೆ."

ಇನ್ನು ನನ್ನ ಕಸುಬಿನ ಬಗ್ಗೆ ಹೇಳದಿದ್ದರೆ ಮುಂದಿನದ್ದು ಅರ್ಥವಾಗುವುದಿಲ್ಲ. ದೋಹಾಕ್ಕೆ ಬಂದು ಹದಿನೆಂಟು ವರ್ಷವಾಯಿತು. ಅಲ್ ಹಿಲಾಲ್ ಬಡಾವಣೆಯಲ್ಲಿ ಸ್ಟೇಶನರಿ ಅಂಗಡಿಯೊಂದರ ಮೇಲೆ ಎರಡು ಕೋಣೆಯ ಸ್ಟುಡಿಯೋ, ಅದರಲ್ಲಿ ರೆಕಾರ್ಡಿಂಗ್ ಮಾಡುವವನು ನಾನು. ಬ್ಯಾಂಕಿಗೆ ಫೋನು ಮಾಡಿದಾಗ ಕಾಯಲು ಹೇಳುವ ಹೆಣ್ಣುಸ್ವರ, ಲಿಫ್ಟಿನಲ್ಲಿ ಮಹಡಿ ಹೇಳುವ ಗಂಡುಸ್ವರ, ಇಂಥವನ್ನು ಹಿಡಿದು, ತೊಳೆದು, ಇಸ್ತ್ರಿ ಹಾಕಿ ಕೊಡುವುದು ನನ್ನ ಕೆಲಸ. ತೊಳೆಯುವುದೆಂದರೆ ಉಸಿರಿನ ಸದ್ದು, ಎಂಜಲು ನುಂಗಿದ ಸದ್ದು, ಗಂಟಲಿನ ಕರಕರ ಎಲ್ಲ ತೆಗೆದುಹಾಕುವುದು. ಲಿಫ್ಟು ಉಸಿರಾಡಬಾರದು ಎಂಬುದು ಗಿರಾಕಿಗಳ ಕಟ್ಟಪ್ಪಣೆ. ಈಗೀಗ ನಾನು ಯೋಚಿಸುವುದೂ ಇಲ್ಲ, ಕೈ ತಾನಾಗಿ ತೆಗೆಯುತ್ತದೆ.

ಎರಡು ಚಳಿಗಾಲದ ಹಿಂದೆ ಒಂದು ಹೋಟೆಲಿನವರಿಗೆ ಇಟಾಲಿಯನ್ ಸ್ವರ ಬೇಕಾಗಿ ಇವರನ್ನು ಹುಡುಕಿ ತಂದಿದ್ದರು. ಎಪ್ಪತ್ತರ ಹತ್ತಿರದ ವಯಸ್ಸು, ಮೋಟು ಬಿಳಿ ಕೂದಲು, ನಡಿಗೆ ಮಾತ್ರ ಕ್ಯಾಮೆರಾ ಎದುರಿನದ್ದೇ. ಮಗಳು ಮಾರ್ತಾ ಇಲ್ಲಿ ಆರ್ಕಿಟೆಕ್ಟ್. ಅವಳ ಜೊತೆ ಅಬು ಹಮೂರಿನ ಕಾಂಪೌಂಡಿನಲ್ಲಿ ಮನೆ. ಮೊದಲ ದಿನ ಮೂರು ಸಾಲು ಓದಿದರು. "ಓಕೆ ಮೇಡಂ, ಖಲಾಸ್" ಎಂದೆ. ಅವರು ಎದುರಿನ ಮೇಜಿಗೆ ಎರಡು ಬೆರಳಿನಿಂದ ಟಕ್ ಟಕ್ ಎಂದು ಎರಡು ಸಲ ಬಡಿದರು. ಅದರ ಅರ್ಥ ಇನ್ನೊಮ್ಮೆ ಎಂದು. ಹನ್ನೊಂದು ಸಲ ಬಡಿದರು. "ರೆಸ್ಟೋರೆಂಟ್ ಎರಡನೇ ಮಹಡಿಯಲ್ಲಿದೆ" ಎಂಬುದನ್ನು ಹನ್ನೆರಡು ಸಲ ಹೇಳಿ, ಕೊನೆಯದ್ದನ್ನು ಕೇಳಿ, "ನನ್ನದೇ ಸ್ವರ" ಎಂದರು. ಆವತ್ತು ನನಗೆ ಅದು ಮುದುಕಿಯ ಹುಚ್ಚು ಅನಿಸಿತ್ತು. ದೇವರು ಕ್ಷಮಿಸಲಿ.

ಶುಕ್ರವಾರ ಅಬು ಹಮೂರಿನ ಚರ್ಚಿನಲ್ಲಿ ನಮ್ಮ ಕೊಂಕಣಿ ಪೂಜೆಗೂ ಬರಲು ಶುರು ಮಾಡಿದರು. "ನಿಮಗೆ ಅರ್ಥ ಆಗೂದಿಲ್ಲ ಅಲ್ವಾ ಆಂಟಿ?" ಎಂದು ಲಿಲ್ಲಿ ಕೇಳಿದರೆ, "ಅರ್ಥ ಆಗದ ಭಾಷೆಯಲ್ಲಿ ದೇವರು ಹೆಚ್ಚು ಒಳ್ಳೆಯವನು" ಎಂದರು. ಗಾಯನದ ಹೊತ್ತಿಗೆ ಅವರ ತುಟಿ ಎಲ್ಲರ ಜೊತೆ ಆಡುತ್ತಿತ್ತು. ಎಷ್ಟು ಬೇಗ ಹಾಡು ಕಲಿತರು ಎಂದು ನಮ್ಮ ಹೆಂಗಸರಿಗೆಲ್ಲ ಬೆರಗು. ಪಕ್ಕದಲ್ಲೇ ಕೂತಿದ್ದ ನನಗೆ ಗೊತ್ತಿತ್ತು, ಸದ್ದು ಬರುತ್ತಿರಲಿಲ್ಲ. ಬರೀ ತುಟಿ.

ಕಳೆದ ಬೇಸಿಗೆಯಲ್ಲಿ ಅವರ ಸ್ವರ ಒಡೆಯಿತು. ಎ.ಸಿ. ಗಾಳಿ, ಧೂಳು ಎಂದು ನಾವು ಅಂದುಕೊಂಡೆವು. ಲಿಲ್ಲಿ ಕಾಳುಮೆಣಸಿನ ಕಷಾಯ ಮಾಡಿ ಕಳಿಸಿದಳು. ಆಸ್ಪತ್ರೆಯಲ್ಲಿ ಗಂಟಲಿಗೆ ಕ್ಯಾಮೆರಾ ಇಳಿಸಿ ನೋಡಿದವರು ಕ್ಯಾನ್ಸರ್ ಎಂದರು. ಧ್ವನಿಪೆಟ್ಟಿಗೆಯನ್ನೇ ತೆಗೆಯಬೇಕು, ತಡ ಮಾಡಬಾರದು. ತೆಗೆದರೆ ಜೀವ ಉಳಿಯಬಹುದು, ಸ್ವರ ಉಳಿಯುವುದಿಲ್ಲ.

ಅದೇ ವಾರ ಇಟಲಿಯಿಂದ ಒಂದು ಮೇಲ್ ಬಂತು. ಹೊಸ ನಿರ್ದೇಶಕಿಯೊಬ್ಬಳಿಗೆ ಒಬ್ಬ ಮುದುಕಿ ಬೇಕಿತ್ತು. ಒಂದೇ ದೃಶ್ಯ. ನಲವತ್ತು ವರ್ಷ ಮಾತು ಬಿಟ್ಟಿದ್ದ ತಂಗಿಗೆ ಅಕ್ಕ ಫೋನು ಮಾಡುತ್ತಾಳೆ. ಮೂರು ಪುಟದ ಮಾತು, ಅಲ್ಲಿಯೇ ಧ್ವನಿ ಹಿಡಿಯುವುದು, ಡಬ್ಬಿಂಗ್ ಇಲ್ಲ. ಹಳೇ ಸಿನಿಮಾ ನೋಡಿ ಇವರ ಮುಖ ನೆನಪಾಗಿತ್ತಂತೆ. ಮಾತಾಡಿದ ಒಂದು ವೀಡಿಯೋ ಶನಿವಾರದೊಳಗೆ ಕಳಿಸಬೇಕು. ಆರಿಸಿದರೆ ಮೂರು ವಾರದಲ್ಲಿ ಚಿತ್ರೀಕರಣ.

ಮಾರ್ತಾ ಅಳುತ್ತ ನನಗೆ ಫೋನು ಮಾಡಿದಳು. "ಅಂಕಲ್, ನೀವಾದ್ರೂ ಹೇಳಿ. ಸಿನಿಮಾಕ್ಕಾಗಿ ಆಪರೇಷನ್ ಮುಂದೆ ಹಾಕ್ತಾರಂತೆ. ಡಾಕ್ಟರ್ ಮೂರು ವಾರ ಕಾಯ್ಲಿಕ್ಕೆ ಆಗೂದೇ ಇಲ್ಲ ಅಂತಿದ್ದಾರೆ."

ನಾನು ಹೇಳಿದೆ. ಮೇಡಂ ಫ್ಲಾಸ್ಕಿನ ಮುಚ್ಚಳ ತಿರುಗಿಸುತ್ತ ಕೇಳಿಸಿಕೊಂಡರು. "ವಾಲ್ತೆರ್, ನಾನು ಸತ್ತ ಮೇಲೆ ಟೀವಿಯಲ್ಲಿ ನನ್ನ ಸಿನಿಮಾ ಹಾಕ್ತಾರೆ. ಮಾತಾಡೂದು ಆ ಡಬ್ಬಿಂಗಿನವಳು. ನನ್ನ ಮೊಮ್ಮಗಳು ದೊಡ್ಡವಳಾಗಿ ನೋಡ್ತಾಳೆ, ಇದು ಅಜ್ಜಿ ಅಂತಾಳೆ, ಕೇಳೂದು ಆ ಹೆಂಗಸನ್ನು. ಮೂರು ಪುಟ ಸಾಕು ನನಗೆ. ಆಮೇಲೆ ಗಂಟಲು ಕೊಯ್ಯಲಿ. ಯಲ್ಲಾ, ನಡಿ, ಎ.ಸಿ. ಆಫ್ ಮಾಡು."

ಎ.ಸಿ. ಚಾಲೂ ಇದ್ದರೆ ಮೈಕಿಗೆ ಅದರ ಗುಂಯ್ ಸದ್ದು ಬೀಳುತ್ತದೆ. ಅದಕ್ಕೆ ರೆಕಾರ್ಡಿಂಗಿನ ಹೊತ್ತಿಗೆ ಆರಿಸುವುದು. ಜುಲೈ ತಿಂಗಳ ಶುಕ್ರವಾರ, ಜುಮಾ ನಮಾಜು ಮುಗಿದು ಬೀದಿಯೆಲ್ಲ ಮಲಗಿದ ಹೊತ್ತು. ಹತ್ತು ನಿಮಿಷದಲ್ಲಿ ಕೋಣೆ ಬೇಯತೊಡಗಿತು. ಮೊಬೈಲನ್ನು ಸ್ಟ್ಯಾಂಡಿಗೆ ಸಿಕ್ಕಿಸಿದೆ. ತಂಗಿಯ ಮಾತು ಒಂದೇ, ಅದನ್ನು ನಾನು ಹೇಳಬೇಕು. "ಕಿ ಎ?" ಅಂದರೆ "ಯಾರು?" ಎಂದು. ನನ್ನ "ಕಿ ಎ" ಕೇಳಿ ಅವರು ನಕ್ಕರು, ನಗು ಕೆಮ್ಮಾಯಿತು, ಕರವಸ್ತ್ರ ಬಾಯಿಗೆ ಒತ್ತಿ ಹಿಡಿದರು. ಆಮೇಲೆ ಶುರು.

"ಯಾರು?" ಎಂದೆ. "ನಾನು. ಫೋನ್ ಇಡಬೇಡ. ನನ್ನ ಸ್ವರ ಗುರುತು ಸಿಗಲಿಲ್ಲವಾ?" ಎಂದು ಹೊರಟ ಮಾತು ಒಂದು ಪುಟ ಚೆನ್ನಾಗಿ ಹೋಯಿತು. ಅಮ್ಮನ ಸಾವಿನ ಸುದ್ದಿ ಹೇಳುವ ಜಾಗಕ್ಕೆ ಬಂದಾಗ ಅವರ ಕಣ್ಣು ತುಂಬಿತು, ಮುಖ ಬದಲಾಯಿತು, ಮಾತು ಮುಂದುವರಿಯಿತು. ನನಗೆ ಇಟಾಲಿಯನ್ ಬಾರದು, ಪುಟಗಳ ಅರ್ಥವನ್ನು ಅವರೇ ಮೊದಲು ಹೇಳಿಕೊಟ್ಟಿದ್ದರು. ಆದರೂ ಇದು ಎಲ್ಲೋ ಕೇಳಿದ ಶಬ್ದ ಅನಿಸಿತು. ವೆಂತಿತ್ರೇ, ವೆಂತಿಕ್ವಾತ್ರೋ. ಇಪ್ಪತ್ತಮೂರು, ಇಪ್ಪತ್ತನಾಲ್ಕು. ಅವರು ಎಣಿಸುತ್ತಿದ್ದರು.

ನಾನು ಕೈ ಎತ್ತಿದೆ. ಅವರಿಗೆ ಗೊತ್ತಾಗಲು ಒಂದು ಕ್ಷಣ ಬೇಕಾಯಿತು. ಎರಡು ಬೆರಳು ಬಡಿದರು. ಇನ್ನೊಮ್ಮೆ ಮಾಡಿದರು, ಅದೇ ಜಾಗಕ್ಕೆ ಬಂದು ಮತ್ತೆ ಎಣಿಸಿದರು. ಮೂರನೆಯ ಸಲವೂ ಹಾಗೇ. ದುಃಖ ನಿಜವಾಗಿ ಬಂದ ಕೂಡಲೇ ಮಾತು ಬಿಟ್ಟು ಅಂಕಿ ಹಿಡಿಯುತ್ತಿದ್ದರು. "ನನಗೆ ಅಳು ಕಲಿಸಿದ್ದೇ ಹೀಗೆ" ಎಂದು ಗೋಡೆಗೆ ಹಣೆ ಇಟ್ಟು ನಿಂತರು. ಅಂಗಿ ಬೆನ್ನಿಗೆ ಅಂಟಿತ್ತು. ಅಷ್ಟು ಹತಾಶ ಬೆನ್ನನ್ನು ನಾನು ಇನ್ನೊಂದು ನೋಡಿಲ್ಲ.

ಏಳನೆಯ ಸಲ ಬಂತು. ಸ್ವರ ಅಷ್ಟು ಹೊತ್ತಿಗೆ ಹರಿದ ಬಟ್ಟೆಯಂತಾಗಿತ್ತು. ಪ್ರತಿ ಮಾತಿನ ಹಿಂದೆ ಉಸಿರು ಎಳೆಯುವ ಸದ್ದು, ನಡುವೆ ಕರಕರ, ಒಂದು ಕಡೆ ಮಾತು ಅರ್ಧಕ್ಕೆ ನಿಂತೇ ಹೋಗಿ ಮತ್ತೆ ಎದ್ದು ಬಂತು. ಆದರೆ ಒಂದೂ ಅಂಕಿ ಇಲ್ಲ. ಮೂರು ಪುಟವೂ ಮಾತು. ಮುಗಿದ ಮೇಲೆ ಅವರು ಮೇಜು ಬಡಿಯಲಿಲ್ಲ. "ಖಲಾಸ್" ಎಂದರು. "ಕಳಿಸು. ಏನೂ ತೆಗೀಬೇಡ." ಕೇಳಿ ನೋಡುವ ಶಕ್ತಿಯೂ ಇಲ್ಲದೆ ಟ್ಯಾಕ್ಸಿ ಹತ್ತಿದರು.

ನಾನು ತೆಗೆದೆ. ಯಾಕೆ ಎಂದು ಆವತ್ತಿನಿಂದ ನನ್ನನ್ನೇ ಕೇಳಿಕೊಳ್ಳುತ್ತಿದ್ದೇನೆ. ಈ ಸ್ವರ ಕೇಳಿದರೆ ಕಾಯಿಲೆಯವಳು ಎಂದು ಸಿನಿಮಾದವರು ಬೇಡ ಅನ್ನುತ್ತಾರೆ, ನಾನು ಒಳ್ಳೆಯದನ್ನೇ ಮಾಡುತ್ತಿದ್ದೇನೆ ಎಂದು ಯೋಚಿಸಿದ್ದು ನಿಜ. ಹದಿನೆಂಟು ವರ್ಷದ ಕೈ ತಾನಾಗಿ ಓಡಿದ್ದೂ ನಿಜ. ಉಸಿರು ತೆಗೆದೆ, ಕರಕರ ತೆಗೆದೆ, ನಿಂತುಹೋದ ಜಾಗವನ್ನು ಹಿಂದುಮುಂದು ಎಳೆದು ಜೋಡಿಸಿದೆ. ಬ್ಯಾಂಕಿನ ಹೆಣ್ಣುಸ್ವರದ ಹಾಗೆ ನುಣ್ಣಗಾಯಿತು. ವೀಡಿಯೋಕ್ಕೆ ಕೂರಿಸಿ ಕಳಿಸಿ, ಚಹಾ ಕುಡಿದೆ.

ಐದು ದಿನ ಕಳೆದು ಮೇಡಂ ಸ್ಟುಡಿಯೋಕ್ಕೆ ಬಂದು ಉತ್ತರವನ್ನು ತಾವೇ ಓದಿ ಹೇಳಿದರು. ಮುಖ ನಮಗೆ ಬೇಕಾದದ್ದೇ. ಧ್ವನಿ ಮಾತ್ರ ಯಾರೋ ಡಬ್ಬಿಂಗ್ ಮಾಡಿದ ಹಾಗೆ ಕೇಳುತ್ತದೆ. ಈ ಪಾತ್ರಕ್ಕೆ ಬದುಕಿ ಸವೆದ ಗಂಟಲು ಬೇಕಿತ್ತು, ಬೇರೆಯವರು ಸಿಕ್ಕಿದ್ದಾರೆ, ಕ್ಷಮಿಸಿ.

"ನೋಡು ವಾಲ್ತೆರ್" ಎಂದರು, ಪಿಸುಮಾತಿನಷ್ಟೇ ಸ್ವರ ಉಳಿದಿತ್ತು. "ಆ ಡಬ್ಬಿಂಗಿನವಳ ಸ್ವರ ನನ್ನ ಗಂಟಲಿಗೂ ಹತ್ತಿಬಿಟ್ಟಿದೆ. ನನ್ನ ಸ್ವರವೂ ನನ್ನದಲ್ಲ ಅಂತಾರೆ."

ಆವಾಗಲೇ ಹೇಳಬೇಕಿತ್ತು. ನಾನು ಫ್ಲಾಸ್ಕಿಗೆ ಬಿಸಿನೀರು ತುಂಬಿಸಿ ಕೊಟ್ಟೆ. ಅವರು ಹೋದ ಮೇಲೆ ತೊಳೆಯದ ಮೂಲ ರೆಕಾರ್ಡಿಂಗನ್ನು, ತಪ್ಪು ನನ್ನದು ಎಂದು ಬರೆದು, ಆ ನಿರ್ದೇಶಕಿಗೆ ಕಳಿಸಿದೆ. ಉತ್ತರ ಬರಲಿಲ್ಲ. ಭಾನುವಾರ ಆಪರೇಷನ್ ಆಯಿತು.

"ನೀವು ತಪ್ಪು ಮಾಡಿದ್ದಕ್ಕೇ ಅವರ ಜೀವ ಉಳೀತು, ಹಾಗೆ ತಿಳ್ಕೊಳ್ಳಿ" ಎಂದು ಲಿಲ್ಲಿ ಹೇಳಿದಳು. ಇರಬಹುದು. ಆದರೆ ಅದನ್ನು ತೀರ್ಮಾನಿಸುವ ಹಕ್ಕು ಇದ್ದ ಒಬ್ಬರೇ ಒಬ್ಬರ ಹತ್ತಿರ ನಾನು ಕೇಳಿರಲಿಲ್ಲ.

ಮಾರ್ತಾ ಅವರನ್ನು ಇಟಲಿಗೆ ಕರೆದುಕೊಂಡು ಹೋಗುವ ಹಿಂದಿನ ದಿನ ಅಬು ಹಮೂರಿಗೆ ಹೋದೆ. ಹಾಲಿನ ತುಂಬ ಪೆಟ್ಟಿಗೆಗಳು. ಮೇಡಂ ಕಿಟಕಿಯ ಹತ್ತಿರ ಕೂತಿದ್ದರು, ಉಸಿರಾಡಲು ಕತ್ತಿನಲ್ಲಿ ಮಾಡಿದ ತೂತಿಗೆ ಅಡ್ಡವಾಗಿ ತೆಳು ಬಟ್ಟೆ, ಮಡಿಲಲ್ಲಿ ಮಕ್ಕಳ ಸ್ಲೇಟು. ನಾನು ನಿಂತೇ ಎಲ್ಲ ಹೇಳಿದೆ. ಉಸಿರು ತೆಗೆದದ್ದು, ಕರಕರ ತೆಗೆದದ್ದು, ಅಂದು ಬಾಯಿ ಮುಚ್ಚಿಕೊಂಡು ನೀರು ತುಂಬಿಸಿದ್ದು. ಬೈಯಲಿಕ್ಕೆ ಅವರ ಹತ್ತಿರ ಸ್ವರ ಇರಲಿಲ್ಲ. ಅದು ನನಗೆ ಬೈಗುಳಕ್ಕಿಂತ ಕಷ್ಟವಾಯಿತು. ಕೊನೆಗೆ ಸ್ಲೇಟಿನಲ್ಲಿ ಬರೆದರು: ಇದೆಯಾ?

ಇತ್ತು. ಲ್ಯಾಪ್‌ಟಾಪ್ ತೆರೆದು ಮೂಲವನ್ನು ಮೊದಲಿನಿಂದ ಹಾಕಿದೆ. ಬಿಸಿ ಕೋಣೆಯ ಮೌನ, ಕುರ್ಚಿಯ ಕಿರ್ರು ಸದ್ದು, ಆಮೇಲೆ ನನ್ನ ಶಿರ್ವದ "ಕಿ ಎ?"

ಮೇಡಂ ನೆಟ್ಟಗೆ ಕೂತರು. ಆ ಹರಿದ ಸ್ವರ ಹೊರಟಿತು, ಅದರ ಜೊತೆಗೇ ಅವರ ತುಟಿ ಆಡತೊಡಗಿತು. ನಾನು. ಫೋನ್ ಇಡಬೇಡ. ಒಂದು ಅಕ್ಷರ ಹಿಂದೆ ಬೀಳಲಿಲ್ಲ, ಒಂದು ಅಕ್ಷರ ಮುಂದೆ ಓಡಲಿಲ್ಲ. ಉಸಿರು ಎಳೆದ ಕಡೆ ಉಸಿರು ಎಳೆದರು, ಮಾತು ನಿಂತ ಕಡೆ ನಿಂತರು. ಎಣಿಸಿದ ಕಡೆ ಎಣಿಸಿದರು. ತಪ್ಪಿದ ಆರು ಸಲವನ್ನೂ ಏಳನೆಯದ್ದನ್ನೂ ಹಾಗೇ ಕೂತು ಮುಗಿಸಿದರು. ಒಳಗಿನಿಂದ ಬಂದ ಮಾರ್ತಾ ಬಾಗಿಲಲ್ಲೇ ನಿಂತುಬಿಟ್ಟಳು. ಅವಳು ನಟಿಸುವ ತಾಯಿಯ ಮುಖ ಮತ್ತು ತಾಯಿಯ ಸ್ವರವನ್ನು ಒಂದೇ ದೃಶ್ಯದಲ್ಲಿ ಅದುವರೆಗೆ ಕಂಡಿರಲಿಲ್ಲ.

ರೆಕಾರ್ಡಿಂಗ್ ಮುಗಿಯಿತು. ನಾನು ಲ್ಯಾಪ್‌ಟಾಪ್ ಮುಚ್ಚಲು ಕೈ ಚಾಚಿದೆ. ಮೇಡಂ ಎರಡು ಬೆರಳು ಎತ್ತಿ ಸ್ಲೇಟಿನ ಮೇಲೆ ಟಕ್ ಟಕ್ ಎಂದು ಬಡಿದರು.

ನಾನು ಮತ್ತೆ ಮೊದಲಿನಿಂದ ಹಾಕಿದೆ.