ಬಡಗಿ ಕೀಸಿದ ಬಾಗಿಲುಗಳು

ಭೂಮಿ ಕುಲುಕಿದ ಮೇಲೆ ಊರಿಗೆ ಊರೇ ಕೆಲಸವಿಲ್ಲದೆ ಕೂತಿತ್ತು, ಬಡಗಿಗೆ ಮಾತ್ರ ತಲೆ ಕೆರೆದುಕೊಳ್ಳಲೂ ಪುರುಸೊತ್ತಿರಲಿಲ್ಲ. ಮಾರುಕಟ್ಟೆಯ ಹಿಂದಿನ ಹಳೇ ಕಟ್ಟಡಗಳು ಮಣ್ಣಿನ ಗುಡ್ಡೆಯಾಗಿದ್ದವು. ಅಲ್ಲಿ ಕೆಲಸ ಇದ್ದದ್ದು ಗುದ್ದಲಿ ಹಿಡಿದವರಿಗೆ. ಕಾಲುವೆಯ ಕಡೆಗೆ ಇಳಿಯುವ ಬೀದಿಯ ಮನೆಗಳು ಸುಣ್ಣ ಉದುರಿಸಿಕೊಂಡು, ಮೈಮೇಲೆ ಗೆರೆ ಎಳೆಸಿಕೊಂಡು, ಹೇಗೋ ನಿಂತಿದ್ದವು. ಆದರೆ ಒಂದು ಮನೆಯ ಬಾಗಿಲೂ ನೆಟ್ಟಗೆ ಹಾಕಲು ಬರುತ್ತಿರಲಿಲ್ಲ. ಜನ ಎಂಥವರೆಂದರೆ, ಗೋಡೆ ಬಿರುಕು ಬಿಟ್ಟರೆ ಮೇಲೊಂದು ಕ್ಯಾಲೆಂಡರ್ ನೇತುಹಾಕಿ ಸುಮ್ಮನಾಗುತ್ತಾರೆ. ಬಾಗಿಲು ಹಾಕಲು ಬರದಿದ್ದರೆ ಮಾತ್ರ ಮನೆಯೇ ಹೋಯಿತೆಂದು ಬಾಯಿ ಬಡಿದುಕೊಳ್ಳುತ್ತಾರೆ.

ಬಡಗಿ ಕೀಸುಳಿ ಹಿಡಿದು ಮನೆಮನೆ ತಿರುಗಿದ. ಎಲ್ಲಿ ಉಜ್ಜುತ್ತದೋ ಅಲ್ಲಿ ಒಂದಿಷ್ಟು ಹೆರೆದು ತೆಗೆಯುವುದು, ಬಾಗಿಲು ಹಾಕಿ ತೆಗೆದು ತೋರಿಸುವುದು, ಎದೆಯುಬ್ಬಿಸಿ ಹೇಳುವುದು: "ಬಾಗಿಲು ಸಲೀಸಾಗಿ ಹಾಕ್ಕೊಂಡ್ರೆ ಮನೆಗೇನೂ ಆಗಿಲ್ಲ ಅಂತ ಅರ್ಥ. ಒಳಗೆ ಹೋಗಿ ಮಲಗಿ." ಬಯಲಲ್ಲಿ ಟಾರ್ಪಾಲಿನ್ ಕೆಳಗೆ ಬಿದ್ದಿದ್ದವರು ಹಾಸಿಗೆ ಸುತ್ತಿಕೊಂಡು ವಾಪಸ್ ಬಂದರು. ಮನೆ ನೋಡಬೇಕಾದ ಇಂಜಿನಿಯರ್ ಇನ್ನೂ ಬಂದಿರಲಿಲ್ಲ. ಇಂಥ ಬೀದಿಗೆ ಸರ್ಕಾರ ಬರುವುದು ಬೇರೆ ಕಡೆ ಉಂಡು ಕೈತೊಳೆದ ಮೇಲೇ.

ಬಾಗಿಲೆಂದರೆ ಅವನಿಗೆ ಚಿಕ್ಕಂದಿನಿಂದಲೂ ಹುಚ್ಚು. ಯಾರ ಮನೆಗೆ ಹೋದರೂ ಮೊದಲು ಬಾಗಿಲನ್ನು ಹಾಕಿ ತೆಗೆದು ನೋಡಿಯೇ ಕಾಲಿಡುವುದು. "ನನ್ನ ನೋಡೋಕೆ ಬಂದ ಮಹಾನುಭಾವ ನಮ್ಮಪ್ಪನ ಮನೆ ಬಾಗಿಲ ಬಿಜಾಗರಿ ನೋಡ್ತಾ ನಿಂತಿದ್ದ" ಎಂದು ಹೆಂಡತಿ ಇವತ್ತಿಗೂ ಆಡಿಕೊಳ್ಳುತ್ತಾಳೆ.

ಬೀದಿಯ ತುದಿಯಲ್ಲಿ, ಕಾಲುವೆಯ ದಂಡೆಗೆ ಅಂಟಿಕೊಂಡು ಅವನ ಅಕ್ಕನ ಮನೆ. ಗಂಡ ಸತ್ತ ಮೇಲೆ ಅಕ್ಕ ಮುಂದಿನ ಕೋಣೆಯಲ್ಲಿ ಹೊಲಿಗೆ ಯಂತ್ರ ಹಾಕಿಕೊಂಡು, ಸೊಂಟ ಮುರಿದು ಮಲಗಿದ್ದ ಅತ್ತೆಯನ್ನು ನೋಡಿಕೊಂಡು ಬದುಕುತ್ತಿದ್ದಳು. ಒಂದು ಬೆಳಿಗ್ಗೆ ಅವಳಿಂದ ಬುಲಾವ್ ಬಂತು.

"ನೋಡೋ ನಿನ್ನ ಕೈಚಳಕ! ಮೊನ್ನೆ ತಾನೆ ಕೀಸಿ ಹೋದೆ, ಮತ್ತೆ ಹಿಡ್ಕೊಂಡು ಕೂತಿದೆ."

"ಮರ ಉಬ್ಬಿರ್ಬೇಕು ಕಣಕ್ಕಾ."

"ಮಳೆಯಿಲ್ಲ, ಮೋಡವಿಲ್ಲ, ಉಬ್ಬೋಕೆ ಅದೇನು ಬಸುರಿಯಾ?"

ಬಡಗಿ ಬಗ್ಗಿ ನೋಡಿದ. ಮೊನ್ನೆ ಕೀಸಿದ್ದ ಅದೇ ಮೇಲಿನ ಮೂಲೆ, ಕಾಲುವೆಯ ಕಡೆಯದು. ಚೌಕಟ್ಟಿನ ಮೇಲಿನ ಪಟ್ಟಿ ಅಲ್ಲಿ ಇನ್ನಷ್ಟು ಕೆಳಗಿಳಿದು ಬಾಗಿಲ ತಲೆಯ ಮೇಲೆ ಕೂತಿತ್ತು. ಅವನಿಗೆ ಅಂಜಿಕೆಗಿಂತ ಮೊದಲು ಹುಟ್ಟಿದ್ದು ಕುತೂಹಲ. ಏರುತಗ್ಗು ಅಳೆಯುವ ರಸಮಟ್ಟ ತೆಗೆದುಕೊಂಡು ಬೀದಿಯ ಮೇಲಿನ ತುದಿಗೆ ನಡೆದು, ಕಂಡ ಕಂಡವರ ಹೊಸ್ತಿಲ ಮೇಲಿಟ್ಟು ನೋಡುತ್ತ ಇಳಿದ. ಮೇಲಿನ ಮನೆಗಳಲ್ಲಿ ಅದರ ಗಾಜಿನೊಳಗಿನ ಗುಳ್ಳೆ ನಡುವೆಯೇ ಇತ್ತು. ಅರ್ಧ ಬೀದಿ ದಾಟಿದ ಮೇಲೆ ಒಂದು ಕಡೆಗೆ ಸರಿಯಿತು. ಕೆಳಕ್ಕೆ ಹೋದಷ್ಟೂ ಹೆಚ್ಚು ಸರಿಯಿತು. ಎಲ್ಲ ಹೊಸ್ತಿಲೂ ಕಾಲುವೆಯ ಕಡೆಗೇ ತಗ್ಗು. ಒಗಟು ಬಿಡಿಸಿದ ಹುಡುಗನ ಹಾಗೆ ಅವನಿಗೆ ಒಳಗೊಳಗೇ ಖುಷಿಯಾಗುತ್ತಿತ್ತು. ಅಕ್ಕನ ಮನೆ ಮತ್ತೆ ಎದುರಾದಾಗ ಆ ಖುಷಿ ಹೊಸ್ತಿಲಾಚೆಗೇ ಉಳಿಯಿತು.

ಒಳಗೆ ಹೋಗಿ ಅವಳ ಹೊಲಿಗೆ ಡಬ್ಬಿಯಿಂದ ದಾರದ ಉಂಡೆಯೊಂದನ್ನು ತೆಗೆದು ನೆಲದ ಮೇಲಿಟ್ಟ. ಅದು ಒಂದು ಕ್ಷಣ ಯೋಚಿಸಿದಂತೆ ನಿಂತು, ಆಮೇಲೆ ಉರುಳಿಕೊಂಡು ಹೋಗಿ ಕಾಲುವೆ ಕಡೆಯ ಗೋಡೆಗೆ ಬಡಿಯಿತು.

"ಅದೇನು ಹೊಸದಾ?" ಎಂದಳು ಅಕ್ಕ. "ನಿನ್ನೆಯಿಂದ ಅಂಗಿ ಗುಂಡಿ, ದಾರದುಂಡೆ, ಎಲ್ಲಾ ಆ ಗೋಡೆ ಕಡೆಗೇ ಓಡ್ತಿವೆ. ಅಲ್ಲಿ ಅದೇನು ಬಿಟ್ಟಿ ಹಂಚ್ತಿದ್ದಾರೋ."

"ಅಕ್ಕಾ, ದಂಡೆ ಕುಸೀತಿದೆ. ಮನೆ ಇನ್ನೂ ಇಳೀತಾನೇ ಇದೆ. ಇನ್ನೊಂದು ಸಲ ಕುಲುಕಿದ್ರೆ ಕಾಲುವೆಗೇ ಹೋಗುತ್ತೆ. ಈಗ್ಲೇ ಹೊರಡು."

"ಬಾಗಿಲು ಹಾಕ್ಕೊಂಡ್ರೆ ಏನೂ ಆಗಿಲ್ಲ ಅಂತ ಡಂಗುರ ಹೊಡೆದವನು ನೀನೇ ಅಲ್ವೇನೋ?"

"ಹೊಡೆದೆ. ತಪ್ಪು ಹೊಡೆದೆ. ಮನೆ ವಾಲಿದ ಹಾಗೆಲ್ಲ ನಾನು ಬಾಗಿಲು ಕೀಸ್ತಾ ಹೋದ್ರೆ, ಬೀಳೋ ದಿನವೂ ಅದು ಸಲೀಸಾಗಿ ಹಾಕ್ಕೊಳ್ಳುತ್ತೆ."

"ಇನ್ನೊಂದು ಸಲ ಕೀಸು, ಇಂಜಿನಿಯರ್ ಬರೋವರೆಗೆ ತಡೆಯುತ್ತೆ. ಅತ್ತೆ ಒಳಗಿನ ಕೋಣೆ ಬಿಟ್ಟು ಅಲ್ಲಾಡೋ ಹಾಗಿಲ್ಲ. ಬಯಲಲ್ಲಿ ಬರೀ ನೆಲದ ಮೇಲೆ ಮಲಗಿಸಲಾ?"

ಬಡಗಿ ಬಿಜಾಗರಿಯ ತಿರುಪು ಬಿಚ್ಚತೊಡಗಿದ. ಅಕ್ಕ ಅವನ ಅಂಗಿ ಹಿಡಿದು ಎಳೆದಳು. "ಬಾಗಿಲು ಕಿತ್ರೆ ನಾಯಿ ನರಿ ಒಳಗೆ ಬರ್ತವೆ ಕಣೋ, ಮುಟ್ಟಾಳ!" ಅವನ ಅಂಗಿಯ ಹೊಲಿಗೆ ಬಿಟ್ಟಿತು, ಬಾಗಿಲೂ ಬಿಟ್ಟುಬಂತು. ಬಾಗಿಲಿಲ್ಲದ ಮನೆಯಲ್ಲಿ ಅಕ್ಕ ಇರಲಾರಳೆಂಬ ಅವನ ಲೆಕ್ಕ ಮಾತ್ರ ತಲೆಕೆಳಗಾಯಿತು. ಅವಳು ಯಂತ್ರದ ಮುಂದೆ ಹೋಗಿ ಗಟ್ಟಿಯಾಗಿ ಕೂತುಬಿಟ್ಟಳು.

ಆಗ ಒಳಗಿನಿಂದ ಅತ್ತೆಯ ಗೊಗ್ಗರು ದನಿ ಕೇಳಿಸಿತು. "ನನ್ನನ್ನೂ ಯಾರಾದ್ರೂ ಕೇಳ್ತೀರೋ? ಆ ಬಾಗಿಲ ಮೇಲೇ ಮಲಗಿಸಿ ಎತ್ತಿಕೊಂಡು ಹೋಗ್ರಪ್ಪ. ಸೊಸೆಗೆ ಇಷ್ಟವಿದ್ರೆ ಗೋಡೆ ಕಾಯ್ಕೊಂಡಿರ್ಲಿ."

ಅಕ್ಕ ಸೂಜಿ ಕೈಬಿಟ್ಟಳು. ಆಮೇಲೆ ಎದ್ದು ಹೋಗಿ ಹಾಸಿಗೆ ತಂದು ಬಾಗಿಲ ಮೇಲೆ ಹಾಸಿದಳು. "ನೀನು ಅತ್ತೆ ನಡು ಹಿಡಿದು ಎತ್ತು, ಕಾಲು ನಾನು ಹಿಡೀತೀನಿ."

ಬೀದಿಯಲ್ಲಿ ಮುಂದೆ ತಮ್ಮ, ಹಿಂದೆ ಅಕ್ಕ, ನಡುವೆ ಬಾಗಿಲ ಮೇಲೆ ಅತ್ತೆ. ಬಂಡೆಯಂಥ ಮರ, ಇಬ್ಬರಿಗೂ ಏದುಸಿರು.

"ಥೂ, ಹೆಣ ಹೊತ್ತ ಹಾಗಿದೆ" ಎಂದಳು ಅಕ್ಕ.

"ಹೆಣ ಇಷ್ಟು ಮಾತಾಡುತ್ತೇನೇ? ಎಡಕ್ಕೆ ವಾಲಿಸ್ಬೇಡ, ನೆಟ್ಟಗೆ ಹಿಡಿ" ಎಂದಳು ಬಾಗಿಲ ಮೇಲಿನಿಂದ ಅತ್ತೆ.

ಜನ ಹೊರಗೆ ಬಂದು ನಿಂತರು. ಬೀಡಿ ಅಂಗಡಿಯವನು ಕೂಗಿದ: "ಬಡಗೀ, ನಮ್ಮ ಬಾಗಿಲೂ ಮತ್ತೆ ಹಿಡ್ಕೊಂಡಿದೆ, ಬಂದು ಕೀಸಿ ಹೋಗಪ್ಪ!"

ಬಡಗಿ ನಡುಬೀದಿಯಲ್ಲಿ ನಿಂತ. "ಇನ್ನು ಕೀಸಲ್ಲ. ನಾನು ಹೇಳಿದ್ದು ಸುಳ್ಳು. ಮತ್ತೆ ಹಿಡ್ಕೊಂಡಿದ್ರೆ ಮನೆ ಜಾರ್ತಿದೆ ಅಂತ ಅರ್ಥ. ಬಾಗಿಲು ಕಿತ್ಕೊಂಡು ಬಯಲಿಗೆ ಬಾ."

"ನಿನ್ನ ಮಾತು ಕೇಳೇ ಅಲ್ವೇನೋ ನಾವು ಒಳಗೆ ಹೋಗಿದ್ದು? ನಿನ್ನ ಮನೆ ಹಾಳಾಗ!"

"ಬಯ್ಯೋದನ್ನ ಬಯಲಲ್ಲಿ ಬಯ್ಯಿ. ಮೊದಲು ಮಕ್ಕಳನ್ನ ಹೊರಗೆ ಕಳಿಸು."

ಬಯಲಲ್ಲಿ ಇಟ್ಟಿಗೆ ಜೋಡಿಸಿ ಬಾಗಿಲನ್ನು ಮಂಚ ಮಾಡಿದರು. ಅತ್ತೆ ಅಂಗೈಯಿಂದ ಮರ ತಟ್ಟಿ ನೋಡಿದಳು. ಅಕ್ಕ ಬಿಚ್ಚಿದ ಜಡೆ ಕಟ್ಟಿಕೊಳ್ಳುತ್ತ ಕೇಳಿದಳು:

"ನಾಳೆ ಇಂಜಿನಿಯರ್ ಬಂದು ಮನೆ ಗಟ್ಟಿಯಾಗಿದೆ ಅಂದ್ರೆ?"

"ಬಾಗಿಲು ನಾನೇ ಹೊತ್ತುಕೊಂಡು ಹೋಗಿ ಹಾಕಿಕೊಡ್ತೀನಿ."

"ಕೇಳಿ ನೋಡು, ಅತ್ತೆ ಈ ಮಂಚ ಬಿಟ್ಟುಕೊಡ್ತಾರೇನು ಅಂತ."

ಅತ್ತೆ ಕಣ್ಣು ಮುಚ್ಚಿಕೊಂಡು ನಿದ್ದೆ ಬಂದವರ ಹಾಗೆ ಮಲಗಿದಳು. ಅಷ್ಟರಲ್ಲಿ ಬೀಡಿ ಅಂಗಡಿಯವನು ತಲೆಯ ಮೇಲೆ ಬಾಗಿಲು ಹೊತ್ತು, ಹಿಂದೆ ಹೆಂಡತಿ ಮಕ್ಕಳನ್ನು ಕಟ್ಟಿಕೊಂಡು, ದಾರಿಯುದ್ದಕ್ಕೂ ಬಡಗಿಯ ವಂಶವನ್ನೆಲ್ಲ ಜಾಲಾಡುತ್ತ ಬಯಲಿಗೆ ಕಾಲಿಟ್ಟ. ಬಡಗಿ ಅವನ ಬಾಗಿಲ ಒಂದು ತುದಿಗೆ ಹೆಗಲು ಕೊಟ್ಟು ಇಳಿಸಿದ. ಆಮೇಲೆ ರಸಮಟ್ಟ ಹಿಡಿದು, ಇನ್ನೂ ಹೊರಗೆ ಬರದ ಮನೆಗಳ ಕಡೆಗೆ ನಡೆದ.