ಕ್ಲಚ್ ಅಕ್ಕನ ಎಡಗಾಲು

ಕಾರು ಕಲಿಯಲು ಬಂದವರೆಲ್ಲ ಅವಳನ್ನು ಕ್ಲಚ್ ಅಕ್ಕ ಎಂದೇ ಕರೆಯುತ್ತಿದ್ದರು. ಬೆಳಗಿನಿಂದ ಸಂಜೆಯವರೆಗೆ ಅವಳ ಬಾಯಿಂದ ಬರುತ್ತಿದ್ದುದು ಅದೊಂದೇ ಮಾತು. "ಕ್ಲಚ್ ಒತ್ತಿ... ಈಗ ಬಿಡಿ, ನಿಧಾನಕ್ಕೆ... ಕ್ಲಚ್, ಕ್ಲಚ್." ಯಾರು ಮೊದಲು ಈ ಹೆಸರಿಟ್ಟರೋ, ಅದು ಅವಳಿಗೆ ಅಂಟಿಕೊಂಡೇ ಬಿಟ್ಟಿತು. ಅವಳೂ ಬೇಜಾರು ಮಾಡಿಕೊಳ್ಳಲಿಲ್ಲ. "ಬ್ರೇಕ್ ಅಕ್ಕ ಅನ್ನಲಿಲ್ಲವಲ್ಲ, ಸದ್ಯ" ಎಂದು ನಗುತ್ತಿದ್ದಳು.

ಟೈರ್ ಅಂಗಡಿಯ ಮೇಲಿನ ಎರಡು ಕೋಣೆಗಳಲ್ಲಿ ಡ್ರೈವಿಂಗ್ ಶಾಲೆ ತೆರೆದವನು ಅವಳ ಅಪ್ಪ. ಚಿಕ್ಕವಳಿದ್ದಾಗ ಶಾಲೆ ಬಿಟ್ಟೊಡನೆ ಅವಳು ಬಂದು ಅಪ್ಪನ ಕಾರಿನ ಹಿಂದಿನ ಸೀಟಿನಲ್ಲಿ ಕೂರುತ್ತಿದ್ದಳು. ಮುಂದೆ ಯಾರೋ ಕಲಿಯುವವರು ಬೆವರು ಸುರಿಸುತ್ತಿದ್ದರೆ ಇವಳು ಹಿಂದೆ ಲೆಕ್ಕ ಬಿಡಿಸುತ್ತಾ, ತಲೆ ಎತ್ತದೆ "ಅಪ್ಪಾ, ಗೇರ್ ಬದಲಿಸಬೇಕು" ಎನ್ನುತ್ತಿದ್ದಳು. ಕಾಲು ಪೆಡಲಿಗೆ ಎಟುಕುವ ಮೊದಲೇ ಕಿವಿಗೆ ಎಂಜಿನ್ನು ಎಟುಕಿತ್ತು. ತಮ್ಮನಿಗೆ ಮಾತ್ರ ಕಾರು ಆಗಿಬರಲಿಲ್ಲ. ತಿರುವು ಎರಡು ಕಳೆಯುವುದರೊಳಗೆ ವಾಂತಿ. ಅಪ್ಪ ಅವನನ್ನು ಆಫೀಸಿನಲ್ಲೇ ಕೂರಿಸಿದ. ಅಪ್ಪ ತೀರಿಕೊಂಡ ಮೇಲೆ ಬೋರ್ಡಿನ ಮೇಲೆ ಬಂದದ್ದು ಆಫೀಸಿನಲ್ಲಿ ಕೂತವನ ಹೆಸರು. ಯಾಕೆ ಎಂದು ಯಾರೂ ಕೇಳಲಿಲ್ಲ; ಅವಳೂ ಕೇಳಲಿಲ್ಲ. ಮದುವೆಯ ಮಾತು ಬಂದು ಬಂದು ಹೋಗಿ, ಕೊನೆಗೆ ಬರುವುದನ್ನೇ ನಿಲ್ಲಿಸಿತ್ತು. ತಾಯಿ, ತಮ್ಮ, ತಮ್ಮನ ಹೆಂಡತಿ, ಅವಳು: ಒಂದೇ ಮನೆ, ಒಂದೇ ಒಲೆ. ತಮ್ಮ ಟೇಬಲ್ಲಿನ ಹಿಂದೆ, ಅಕ್ಕ ಬೀದಿಯ ಮೇಲೆ.

ಶಾಲೆಗೆ ಇದ್ದದ್ದು ಒಂದೇ ಪುಟ್ಟ ಬಿಳಿ ಕಾರು. ಕಲಿಸುವವರು ಕೂರುವ ಕಡೆಯಲ್ಲೂ ಒಂದು ಕ್ಲಚ್ಚು, ಒಂದು ಬ್ರೇಕು ಜೋಡಿಸಿದ್ದರು. ಕ್ಲಚ್ ಅಕ್ಕನ ಕಾಲು ಆ ಪೆಡಲುಗಳ ಪಕ್ಕದ ನೆಲದ ಮೇಲಿರುತ್ತಿತ್ತೇ ಹೊರತು ಪೆಡಲಿನ ಮೇಲಲ್ಲ. ಅಪ್ಪ ಹೇಳಿಕೊಟ್ಟ ಮೊದಲ ಪಾಠವೇ ಅದು. ಪೆಡಲಿನ ಮೇಲೆ ಕಾಲು ಸುಮ್ಮನೆ ಒರಗಿದರೂ ಒಳಗಿನ ಪ್ಲೇಟು ಅರೆಬರೆ ಹಿಡಿದು ಉಜ್ಜುತ್ತದೆ, ಸವೆಯುತ್ತದೆ. ಅಗತ್ಯ ಬಿದ್ದಾಗ ಒತ್ತು, ಇಲ್ಲದಿದ್ದರೆ ಕಾಲು ಕೆಳಗಿರಲಿ.

ಆ ವರ್ಷ ಕಾರಿನ ಕ್ಲಚ್ಚು ಮೊದಲು ಸುಳಿವು ಕೊಟ್ಟದ್ದು ಕಾಲಿಗೆ. ಮೊದಲೆಲ್ಲ ಪೆಡಲು ಅರ್ಧ ಮೇಲೆ ಬರುವಾಗ ಕಾರು ಹೊರಡುತ್ತಿತ್ತು. ಈಗ ಕಾಲನ್ನು ಪೂರ್ತಿ ಎತ್ತುವವರೆಗೂ ಅಲ್ಲಾಡುತ್ತಿರಲಿಲ್ಲ. ಆಮೇಲೆ ಮೇಲ್ಸೇತುವೆಯ ಏರಿನಲ್ಲಿ ಎಂಜಿನ್ನು ಒಂದೇ ಸಮನೆ ಕೂಗಿಕೊಂಡರೂ ವೇಗ ಮಾತ್ರ ಇದ್ದಲ್ಲೇ ಇತ್ತು. ಅಂಗಾತ ಬಿದ್ದ ಜೀರುಂಡೆ ಕಾಲು ಬಡಿದ ಹಾಗೆ. ಇಳಿದು ನಿಲ್ಲಿಸಿದಾಗ ಸುಟ್ಟ ವಾಸನೆ. ಅವಳು ಒಂದು ಬೆಳಿಗ್ಗೆ ಖಾಲಿ ರಸ್ತೆಯಲ್ಲಿ ಅಪ್ಪ ಹೇಳಿಕೊಟ್ಟಿದ್ದ ಪರೀಕ್ಷೆ ಮಾಡಿದಳು. ಹ್ಯಾಂಡ್ ಬ್ರೇಕ್ ಬಿಗಿಯಾಗಿ ಎಳೆದು, ಮೂರನೇ ಗೇರಿಗೆ ಹಾಕಿ, ಕ್ಲಚ್ಚನ್ನು ಮೆಲ್ಲಗೆ ಬಿಟ್ಟಳು. ಒಳ್ಳೆಯ ಕ್ಲಚ್ಚಾಗಿದ್ದರೆ ಎಂಜಿನ್ನು ಅಲ್ಲೇ ಗಕ್ಕನೆ ನಿಲ್ಲಬೇಕು. ಅದು ನಿಲ್ಲಲಿಲ್ಲ, ಏನೂ ಆಗದವರ ಹಾಗೆ ಓಡುತ್ತಲೇ ಇತ್ತು.

ಅವಳು ನೇರ ಆಫೀಸಿಗೆ ಹೋಗಿ ತಮ್ಮನಿಗೆ ಹೇಳಿದಳು.

"ಕ್ಲಚ್ ಹೋಗಿದೆ ಕಣೋ. ಬದಲಾಯಿಸಬೇಕು."

"ಓಡ್ತಾ ಇದೆಯಲ್ಲ."

"ಓಡ್ತಾ ಇದೆ. ಏರಲ್ಲಿ ಜಾರುತ್ತೆ. ಹಿಡಿತ ಇಲ್ಲ."

"ಗೇರ್ ಬಾಕ್ಸ್ ಇಳಿಸಬೇಕು ಅಂದ್ರೆ ಗಾಡಿ ಗ್ಯಾರೇಜಲ್ಲಿ ನಿಲ್ಲುತ್ತೆ. ಬ್ಯಾಚು ತುಂಬಿರೋ ಹೊತ್ತಲ್ಲಿ ನಾನೇನು ಕಲಿಯೋರನ್ನ ಹೆಗಲ ಮೇಲೆ ಕೂರಿಸಿಕೊಂಡು ಕಲಿಸ್ಲಾ? ಕೇಬಲ್ ನೋಡಿಸು, ಸಾಕು."

ಗ್ಯಾರೇಜಿನ ಮುದುಕ ಅಪ್ಪನ ಗೆಳೆಯ. ಅವಳು ಅವನನ್ನು ಚಿಕ್ಕಪ್ಪ ಎನ್ನುತ್ತಿದ್ದಳು. ಅವನು ಬಗ್ಗಿ ನೋಡಿ, ಕೇಬಲ್ಲನ್ನು ಕೊಂಚ ಸಡಿಲಿಸಿ, ಕೈ ಒರೆಸಿಕೊಂಡ. "ಇದು ಹಲ್ಲುನೋವಿಗೆ ಲವಂಗ ಇಟ್ಟ ಹಾಗೆ ಮಗಳೇ. ಪ್ಲೇಟು ಸವೆದು ಹೋಗಿದೆ. ನಿನ್ನ ತಮ್ಮನಿಗೆ ಹೇಳು." ಹೇಳಿದಳು. ತಮ್ಮ ಈ ಕಿವಿಯಲ್ಲಿ ಕೇಳಿ ಆ ಕಿವಿಯಲ್ಲಿ ಬಿಟ್ಟ.

ಆ ಬ್ಯಾಚಿನಲ್ಲಿ ಔಷಧಿ ಅಂಗಡಿಯಾಕೆ ಒಬ್ಬಳಿದ್ದಳು. ನಲವತ್ತು ದಾಟಿದವಳು. ಅಂಗಡಿಯಲ್ಲಿ ಒಂದು ಮಾತ್ರೆಯೂ ಆಚೀಚೆ ಆಗದಂತೆ ಕೊಡುವ ಕೈ ಸ್ಟೀರಿಂಗ್ ಹಿಡಿದರೆ ಎಡ ಬಲವನ್ನೇ ಮರೆಯುತ್ತಿತ್ತು. ಮನೆಯ ಮುಂದೆ ಗಂಡನ ಕಾರು ನಿಂತಿತ್ತು. ಅದರ ಬೀಗದ ಕೈ ಕೇಳಿದಾಗಲೆಲ್ಲ ಅವನು "ಅದು ನಿನ್ನ ಕೈಲಿ ಆಗೋದಲ್ಲ ಬಿಡೇ" ಎನ್ನುತ್ತಿದ್ದನಂತೆ. ಗಂಡನಿಗೆ ಹೇಳದೆ ಇಲ್ಲಿ ಸೇರಿದ್ದಳು. ಲೈಸೆನ್ಸ್ ತಗೊಂಡು ಹೋಗಿ ಊಟದ ತಟ್ಟೆಯ ಪಕ್ಕ ಇಡ್ತೀನಿ, ಮಾತೇ ಆಡಲ್ಲ ಎನ್ನುತ್ತಿದ್ದಳು. ಕ್ಲಚ್ ಅಕ್ಕನಿಗೆ ಆ ಮಾತು ತುಂಬಾ ಹಿಡಿಸಿತು.

ಅವಳಿಗಾಗಿ ಕ್ಲಚ್ ಅಕ್ಕ ತುಸು ಹೆಚ್ಚೇ ಹೊತ್ತು ಕೊಟ್ಟಳು. ಏರಿನಲ್ಲಿ ಕಾರು ನಿಲ್ಲಿಸಿ, ಹಿಂದಿನ ಚಕ್ರದ ಕೆಳಗೆ ಖಾಲಿ ಬೆಂಕಿಪೊಟ್ಟಣ ಇಟ್ಟು, "ಇದನ್ನ ಅಪ್ಪಚ್ಚಿ ಮಾಡದೆ ಹೊರಡಿ" ಎನ್ನುತ್ತಿದ್ದಳು. ಅದೆಷ್ಟು ಪೊಟ್ಟಣ ಅಪ್ಪಚ್ಚಿಯಾದವೋ. ಕೊನೆಗೊಂದು ಸಂಜೆ ಪೊಟ್ಟಣ ಇಟ್ಟಂತೆಯೇ ಉಳಿಯಿತು. ಔಷಧಿ ಅಂಗಡಿಯಾಕೆ ಕಾರಿಂದ ಇಳಿದು ಬಂದು ಅದನ್ನು ಕೈಯಲ್ಲಿ ಹಿಡಿದು ನೋಡಿ ಪರ್ಸಿಗೆ ಹಾಕಿಕೊಂಡಳು.

ಅದಾದ ಮೇಲೆಯೇ ಕಾರು ಇನ್ನೂ ಕೆಟ್ಟದ್ದು. ಲೈಸೆನ್ಸ್ ಪರೀಕ್ಷೆಯ ಹಿಂದಿನ ದಿನ ಕ್ಲಚ್ ಅಕ್ಕ ತಮ್ಮನ ಟೇಬಲ್ಲಿನ ಮುಂದೆ ನಿಂತಳು.

"ನಾಳೆ ಆ ಗಾಡಿ ಬೇಡ. ಬೇರೆ ದಿನ ಕೇಳೋಣ."

"ಈ ದಿನ ಬಿಟ್ರೆ ಇನ್ನೊಂದು ದಿನ ಸಿಗೋಕೆ ತಿಂಗಳುಗಳಾಗುತ್ತೆ. ಕಲಿಯೋರಿಗೆ ನೀನು ಉತ್ತರ ಕೊಡ್ತೀಯಾ?"

"ಏರಲ್ಲಿ ನಿಲ್ಲಿಸಿ ಹೊರಡಿಸ್ತಾರೆ. ಅದು ಎಳೆಯಲ್ಲ."

"ಅಕ್ಕಾ, ಒಂದು ದಿನ. ಒಂದೇ ದಿನ ಎಳೆಯುತ್ತೆ. ನೀನು ಗಾಬರಿ ಹುಟ್ಟಿಸಬೇಡ."

ಒಂದು ದಿನ ಎಳೆಯಬಹುದು ಎಂದು ಅವಳೂ ತನಗೆ ತಾನೇ ಹೇಳಿಕೊಂಡಳು. ಕಾರು ಬೆಳಿಗ್ಗೆ ತಣ್ಣಗಿರುವಾಗ ಕೊಂಚ ಹಿಡಿಯುತ್ತಿತ್ತು. ಅದೊಂದೇ ಭರವಸೆ.

ಪರೀಕ್ಷೆಯ ಮೈದಾನದಲ್ಲಿ ಕಲಿಸುವವರು ಬೇಲಿಯ ಹೊರಗೆ ನಿಲ್ಲಬೇಕು. ಕಾರಿನೊಳಗೆ ಅವಳ ಸೀಟಿನಲ್ಲಿ ಅಧಿಕಾರಿ ಕೂತ. ಔಷಧಿ ಅಂಗಡಿಯಾಕೆ ಎಂಟರ ಆಕಾರದ ದಾರಿಯನ್ನು ತಪ್ಪಿಲ್ಲದೆ ಸುತ್ತಿದಳು. ಹಿಂದಕ್ಕೆ ಬಂದು ಗೆರೆಗಳ ನಡುವೆ ನಿಲ್ಲಿಸಿದಳು. ಅಷ್ಟು ಹೊತ್ತಿಗೆ ಕ್ಲಚ್ಚು ಬಿಸಿಯಾಗಿತ್ತು. ಏರಿನ ಮಧ್ಯದಲ್ಲಿ ನಿಂತು, ಅಧಿಕಾರಿ ಕೈ ಎತ್ತಿದಾಗ ಅವಳು ಕಲಿತದ್ದನ್ನೆಲ್ಲ ಕಲಿತ ಹಾಗೆಯೇ ಮಾಡಿದಳು. ಎಂಜಿನ್ನು ಏರುದನಿಯಲ್ಲಿ ಕೂಗಿತು. ಕಾರು ಮುಂದಕ್ಕೆ ಬರಲಿಲ್ಲ. ಹ್ಯಾಂಡ್ ಬ್ರೇಕ್ ಬಿಟ್ಟದ್ದೇ ತಡ, ಹಿಂದಕ್ಕೆ ಜಾರತೊಡಗಿತು. ಅವಳು ಇನ್ನಷ್ಟು ಆಕ್ಸಿಲರೇಟರ್ ಒತ್ತಿದಳು. ಕೂಗು ಜೋರಾಯಿತು, ಬಾನೆಟ್ಟಿನ ಕೆಳಗಿಂದ ಹೊಗೆ ಬಂತು, ಅಧಿಕಾರಿಯ ಕಾಲು ಪಕ್ಕದ ಬ್ರೇಕನ್ನು ಹುಡುಕುವಷ್ಟರಲ್ಲಿ ಕಾರು ಹಿಂದೆ ಹಿಂದೆ ಹೋಗಿ ಗುರುತಿಗೆ ಇಟ್ಟಿದ್ದ ತಗಡಿನ ಡ್ರಮ್ಮಿಗೆ ಧಡ್ ಎಂದು ಬಡಿಯಿತು. ಬೇಲಿಯ ಹೊರಗೆ ನಿಂತವಳ ಎಡಗಾಲು ತನ್ನಷ್ಟಕ್ಕೆ ನೆಲವನ್ನು ಒತ್ತುತ್ತಿತ್ತು.

ಅಧಿಕಾರಿ ಮೂಗು ಮುಚ್ಚಿಕೊಂಡು ಇಳಿದ. "ಏನಮ್ಮಾ, ಕ್ಲಚ್ಚನ್ನೇ ಸುಟ್ಟು ಹಾಕಿದ್ರಲ್ಲ. ಇದನ್ನೇನಾ ಕಲ್ತಿದ್ದು?"

ಸರದಿಗೆ ನಿಂತವರಲ್ಲಿ ಯಾರೋ ನಕ್ಕರು. ಕ್ಲಚ್ ಅಕ್ಕ ಬೇಲಿ ದಾಟಿ ಒಳಗೆ ಹೋದಳು.

"ಸರ್, ತಪ್ಪು ಇವರದ್ದಲ್ಲ. ಗಾಡಿ ಕ್ಲಚ್ ಮೊದಲೇ ಹೋಗಿತ್ತು."

"ಹೋಗಿದ್ರೆ ಯಾಕೆ ತಂದ್ರಿ?"

ಉತ್ತರ ಕೊಟ್ಟದ್ದು ಹಿಂದಿನಿಂದ ಬಂದ ತಮ್ಮ, ನಗುನಗುತ್ತಲೇ. "ಅಕ್ಕನಿಗೆ ಕಲಿಯೋರ ಮೇಲೆ ಪ್ರೀತಿ ಸರ್, ಹಾಗಂತಾಳೆ. ಗಾಡಿ ಬೆಳಿಗ್ಗೆ ಚೆನ್ನಾಗೇ ಇತ್ತು." ಆಮೇಲೆ ಔಷಧಿ ಅಂಗಡಿಯಾಕೆಯ ಕಡೆ ತಿರುಗಿ, ಬೆಲ್ಲ ಸವರಿದ ದನಿಯಲ್ಲಿ, "ಪರವಾಗಿಲ್ಲ ಮೇಡಂ. ಎಲ್ಲರಿಗೂ ಕಾರು ಬರಬೇಕು ಅಂತೇನಿಲ್ಲ" ಎಂದ.

ಔಷಧಿ ಅಂಗಡಿಯಾಕೆ ಚಪ್ಪಲಿ ನೋಡಿಕೊಳ್ಳುತ್ತಾ ಗೇಟಿನ ಕಡೆ ನಡೆದಳು.

ಮನೆಯಲ್ಲಿ ಆ ದಿನ ಅಡುಗೆಮನೆಯ ಬಾಗಿಲಲ್ಲೇ ಜಗಳ ಶುರುವಾಯಿತು. "ನಾಲ್ಕು ಜನರ ಮುಂದೆ ನಮ್ಮ ಗಾಡಿ ಕೆಟ್ಟದ್ದು ಅಂತ ಸಾರಿದೆಯಲ್ಲ, ನಾಳೆ ಯಾರು ಬರ್ತಾರೆ ನಮ್ಮ ಹತ್ರ?" ಎಂದ ತಮ್ಮ.

"ಎತ್ತಿಗೆ ಜ್ವರ ಬಂದ್ರೆ ಎಮ್ಮೆಗೆ ಬರೆ ಹಾಕಿದೆಯಲ್ಲ, ಅದು ಸರೀನಾ? ಆ ಹೆಂಗಸು ಏನು ಮಾಡಿತ್ತು?"

"ಅವಳು ಯಾರು, ನಾನು ಯಾರು ನಿನಗೆ?"

ಅವಳು ತಾಯಿಯ ಮುಖ ನೋಡಿದಳು. ತಾಯಿ ಒಲೆಯ ಉರಿ ಸಣ್ಣಗೆ ಮಾಡುತ್ತಾ, "ನಿಜಾನೇ ಇರಬಹುದು ಕಣೇ. ಆದ್ರೆ ನಿಜ ಹೇಳೋಕೂ ಜಾಗ ಅಂತ ಇರುತ್ತೆ. ಮನೇಲಿ ಹೇಳಬೇಕಿತ್ತು" ಎಂದಳು.

"ಮನೇಲಿ ಹೇಳಿದ್ನಲ್ಲಮ್ಮ. ತಿಂಗಳಿಂದ ಹೇಳ್ತಾನೇ ಇದ್ನಲ್ಲ."

ತಮ್ಮನ ಹೆಂಡತಿ ತಟ್ಟೆ ಹಾಕಿದಳು, ಎಲ್ಲರೂ ಉಂಡರು.

ಕಾರು ಮಾರನೆಯ ದಿನ ಚೌಕದ ನಡುವೆ ನಿಂತೇ ಬಿಟ್ಟಿತು. ಗ್ಯಾರೇಜಿಗೆ ಎಳೆದುಕೊಂಡು ಹೋದರು. ಚಿಕ್ಕಪ್ಪ ಗೇರ್ ಬಾಕ್ಸ್ ಇಳಿಸಿ, ಬೋಲ್ಟುಗಳನ್ನು ಬಿಚ್ಚಿ, ಪ್ಲೇಟನ್ನು ಹೊರತೆಗೆದಾಗ ಅವಳು ಪಕ್ಕದಲ್ಲೇ ಇದ್ದಳು. ಒರಟಾಗಿರಬೇಕಾದ ಪದರ ಸವೆದು ಕನ್ನಡಿಯಾಗಿತ್ತು. ಪದರವನ್ನು ಬಿಗಿದಿಟ್ಟ ರಿವೆಟ್ಟುಗಳ ತಲೆಗಳು ಎದ್ದು ಕಾಣುತ್ತಿದ್ದವು. ಅವು ಉಜ್ಜಿ ಎದುರಿನ ಕಬ್ಬಿಣದ ಚಕ್ರದ ಮೇಲೂ ಗೀರುಗಳು ಬಿದ್ದಿದ್ದವು. ಕಾವಿಗೆ ಅಲ್ಲಲ್ಲಿ ನೀಲಿಗಟ್ಟಿತ್ತು.

"ಇದು ಒಂದು ದಿನದಲ್ಲಿ ಒಬ್ಬರು ಸುಟ್ಟಿದ್ದಲ್ಲ ಮಗಳೇ. ವರ್ಷಗಟ್ಟಲೆ ಸವೆದದ್ದು" ಎಂದ ಚಿಕ್ಕಪ್ಪ.

"ಅವನು ಬಂದಾಗ ಇದೇ ಮಾತು ಹೇಳಿ ಚಿಕ್ಕಪ್ಪ. ಅಷ್ಟು ಸಾಕು ನನಗೆ."

ಅವನು ತಲೆಯಾಡಿಸಿ ಕೆಲಸ ಮುಂದುವರಿಸಿದ. ಆ ಕಬ್ಬಿಣದ ಚಕ್ರವನ್ನು ಬಿಚ್ಚಿ ಲೇತ್ ಯಂತ್ರಕ್ಕೆ ಕಳಿಸಿ ಸಮ ಮಾಡಿಸಿದ. ಹೊಸ ಪ್ಲೇಟು, ಅದನ್ನು ಒತ್ತಿ ಹಿಡಿಯುವ ಮುಚ್ಚಳ, ಬೇರಿಂಗು, ಮೂರನ್ನೂ ಒಟ್ಟಿಗೇ ಹಾಕಿದ. ಒಂದನ್ನು ಹಳೆಯದೇ ಬಿಟ್ಟರೆ ಅದೇ ಉಳಿದದ್ದನ್ನೂ ತಿನ್ನುತ್ತದೆ. ನಡುವಿನ ತೂತಿಗೆ ಒಂದು ಹಳೆಯ ಶಾಫ್ಟನ್ನು ತೂರಿಸಿ, ಪ್ಲೇಟು ಸರಿಯಾಗಿ ಮಧ್ಯಕ್ಕೆ ಕೂತಿದೆಯೇ ನೋಡಿ, ಬೋಲ್ಟುಗಳನ್ನು ಎದುರುಬದುರಾಗಿ ಸ್ವಲ್ಪ ಸ್ವಲ್ಪವೇ ಬಿಗಿ ಮಾಡಿದ. ಎಲ್ಲ ಮುಗಿದ ಮೇಲೆ ಅವಳು ಕೂತು ಪೆಡಲು ಒತ್ತಿದಳು. ಬೆಣ್ಣೆಯಂತೆ ಇಳಿಯಿತು.

ಅಷ್ಟರಲ್ಲಿ ತಮ್ಮ ಬಂದ. ಹಳೆಯ ಪ್ಲೇಟನ್ನು ಕಾಲಿನಿಂದ ಹೊರಳಿಸಿ ನೋಡಿದ. ಅವಳು ಚಿಕ್ಕಪ್ಪನ ಮುಖವನ್ನೇ ನೋಡುತ್ತಿದ್ದಳು. ಚಿಕ್ಕಪ್ಪ ಸ್ಪ್ಯಾನರ್ ಒರೆಸುತ್ತಾ, "ಕಲಿಯೋರ ಗಾಡಿ ಅಂದ್ಮೇಲೆ ಹೀಗೇ ಅಲ್ವಾ" ಎಂದ.

"ಪಕ್ಕದ ಪೆಡಲ್ ಮೇಲೆ ಯಾವಾಗ್ಲೂ ಕಾಲಿಟ್ಟುಕೊಂಡೇ ಕೂತ್ರೂ ಹೀಗಾಗುತ್ತಾ?" ಎಂದು ತಮ್ಮ ಕೇಳಿದ.

ಚಿಕ್ಕಪ್ಪ ಅವಳ ಕಡೆ ನೋಡಲಿಲ್ಲ. ಗ್ಯಾರೇಜಿನ ಅರ್ಧ ಕೆಲಸ ಆ ಶಾಲೆಯಿಂದ, ಅದರ ಗಿರಾಕಿಗಳಿಂದ ಬರುತ್ತಿತ್ತು. "ಆಗಬಹುದು" ಎಂದ.

ಅದು ಸುಳ್ಳಲ್ಲ. ಹಾಗೆ ಕೂತರೆ ಹಾಗೆ ಆಗಬಹುದು. ಅವಳು ಹಾಗೆ ಕೂತಿರಲಿಲ್ಲ, ಅಷ್ಟೆ. ಆದರೆ ಆ ಒಂದು ಮಾತು ಅಲ್ಲಿಂದ ಆಫೀಸಿಗೆ, ಆಫೀಸಿನಿಂದ ಕೆಳಗಿನ ಟೈರ್ ಅಂಗಡಿಗೆ, ಅಲ್ಲಿಂದ ಊರಿಗೆಲ್ಲ ನಡೆದು ಹೋಯಿತು. ಕ್ಲಚ್ ತಿಂದದ್ದು ಕ್ಲಚ್ ಅಕ್ಕನ ಎಡಗಾಲೇ ಅಂತೆ. ಹೆಸರೇ ಹಾಗಿದೆಯಲ್ಲ, ಜನರಿಗೆ ನಗಲು ಬೇರೆ ಕಾರಣ ಬೇಕಿರಲಿಲ್ಲ.

ಅವಳು ಔಷಧಿ ಅಂಗಡಿಗೆ ಹೋದಳು. ಗಿರಾಕಿಗಳು ಹೋಗುವವರೆಗೆ ಕಾದು, ಕಂಡದ್ದನ್ನೆಲ್ಲ ಹೇಳಿದಳು: ಸವೆದ ಪ್ಲೇಟು, ಎದ್ದ ರಿವೆಟ್ಟು, ತಿಂಗಳಿಂದ ತಮ್ಮನಿಗೆ ಹೇಳುತ್ತಾ ಬಂದ ಮಾತು. "ನಿಮ್ಮದು ಎಳ್ಳಷ್ಟೂ ತಪ್ಪಿಲ್ಲ. ಇನ್ನೊಂದು ಸಲ ಬನ್ನಿ, ಹೊಸ ಕ್ಲಚ್ಚಿದೆ."

ಅಂಗಡಿಯಾಕೆ ಮಾತ್ರೆಯ ಪಟ್ಟಿಯನ್ನು ಕತ್ತರಿಯಲ್ಲಿ ಕತ್ತರಿಸುತ್ತಾ ಕೇಳಿಸಿಕೊಂಡಳು. "ನೀವು ಒಳ್ಳೆಯವರು ಅಕ್ಕ, ಹಾಗಂತೀರಿ. ನಂದೇ ತಪ್ಪು. ಆಕ್ಸಿಲರೇಟರ್ ಜಾಸ್ತಿ ಒತ್ತಿಬಿಟ್ಟೆ. ನಮ್ಮವರಿಗೂ ಗೊತ್ತಾಯ್ತು, ಮೈದಾನದಲ್ಲಿ ಅವರ ಪರಿಚಯದವರು ಯಾರೋ ಇದ್ರಂತೆ."

"ಏನಂದ್ರು?"

"ಏನೂ ಅನ್ನಲಿಲ್ಲ. ನಕ್ಕರು."

"ಒಂದೇ ಸಲ ಬನ್ನಿ. ನನಗೋಸ್ಕರ ಬನ್ನಿ."

"ಬೇಡಕ್ಕ. ಆಸೆ ಅಷ್ಟಿತ್ತು, ಆಯ್ತು." ಅಷ್ಟರಲ್ಲಿ ಇನ್ನೊಬ್ಬ ಗಿರಾಕಿ ಬಂದ. ಅವಳು ಅವನ ಚೀಟಿ ಕೈಗೆ ತೆಗೆದುಕೊಂಡಳು.

ಮುಂದಿನ ವಾರ ತಮ್ಮ ಹೊಸ ಮಾಸ್ತರನನ್ನು ಕರೆತಂದ. ಮಾತು ಜೋರಿನ, ತಂಪು ಕನ್ನಡಕದ ಮನುಷ್ಯ. "ನಿನಗೂ ವಯಸ್ಸಾಯ್ತು ಅಕ್ಕ, ಬಿಸಿಲಲ್ಲಿ ಎಷ್ಟು ಅಂತ ಓಡಾಡ್ತೀಯ? ಆಫೀಸಲ್ಲಿ ಕೂತು ಫೋನ್ ನೋಡಿಕೋ" ಎಂದು ತಮ್ಮ ಕಕ್ಕುಲಾತಿಯಿಂದಲೇ ಹೇಳಿದ. ತಾಯಿಯೂ ಒಳ್ಳೆಯದಾಯಿತು ಎಂದಳು. ಕ್ಲಚ್ ಅಕ್ಕ ಪೇಟೆಯ ಇನ್ನೊಂದು ಶಾಲೆಗೆ ಹೋಗಿ ಕೆಲಸ ಕೇಳಿದಳು. ಅಲ್ಲಿನ ಯಜಮಾನ ಆದರದಿಂದ ಚಹಾ ತರಿಸಿ, ಅವಳ ಅಪ್ಪನನ್ನು ನೆನೆದು, ಕೊನೆಗೆ ತಡವರಿಸಿದ. "ತಪ್ಪು ತಿಳ್ಕೋಬೇಡಿ. ಗಾಡಿ ಹೊಸದು. ಕ್ಲಚ್ ವಿಷಯ... ಕೇಳಿದ್ದೆ." ಅವಳು ಚಹಾ ಮುಗಿಸಿ ಎದ್ದಳು. ವಾದ ಮಾಡಲು ಅವಳಿಗೆ ಬರುತ್ತಿತ್ತು. ಆದರೆ ತನ್ನ ಕಾಲು ಎಲ್ಲಿತ್ತು ಎಂಬುದಕ್ಕೆ ಸಾಕ್ಷಿ ಎಲ್ಲಿಂದ ತರುವುದು?

ಹಾಗೆ ಅವಳು ಟೇಬಲ್ಲಿನ ಹಿಂದೆ ಬಂದಳು. ಕೆಳಗೆ ಬೀದಿಯಲ್ಲಿ ಕಾರು ಕುಪ್ಪಳಿಸಿ ನಿಂತ ಸದ್ದು, ಹೊಸ ಮಾಸ್ತರ ಬೈಯುವ ಸದ್ದು ಕಿಟಕಿಯಿಂದ ಬರುತ್ತಿತ್ತು. ಮೊದಮೊದಲು ಎದ್ದು ಹೋಗಿ ನೋಡುತ್ತಿದ್ದಳು. ಆಮೇಲೆ ಕಿಟಕಿ ಮುಚ್ಚಿ ಫ್ಯಾನು ಹಾಕಿಕೊಳ್ಳತೊಡಗಿದಳು.

ಫೋನು ಮಾಡುವ ಹೆಂಗಸರಲ್ಲಿ ಬಹಳ ಜನ ಮೊದಲು ಕೇಳುವುದು ಒಂದೇ: "ಕಲಿಸೋಕೆ ಹೆಂಗಸರು ಯಾರಾದ್ರೂ ಇದ್ದಾರಾ?" ಇದ್ದಾರೆ ಅನ್ನು, ಬಂದ ಮೇಲೆ ನೋಡಿಕೊಳ್ಳೋಣ ಎಂದು ತಮ್ಮ ಹೇಳಿಕೊಟ್ಟಿದ್ದ. ಕೆಲವು ದಿನ ಅವಳು ಹಾಗೆಯೇ ಅಂದಳು. ನಂಬಿ ಬಂದವರು ತಂಪು ಕನ್ನಡಕವನ್ನು ಕಂಡು ಅವಳ ಕಡೆ ತಿರುಗಿ ನೋಡುವ ನೋಟವನ್ನು ತಡೆದುಕೊಳ್ಳುವುದು ಕಷ್ಟವಾಯಿತು.

ಈಗ ಯಾರು ಕೇಳಿದರೂ ಅವಳು "ಇಲ್ಲ" ಎನ್ನುತ್ತಾಳೆ. ಆ ಕಡೆಯವರು "ಹೌದಾ, ಸರಿ" ಎಂದು ಫೋನು ಇಡುತ್ತಾರೆ. ತಮ್ಮ ಇತ್ತೀಚೆಗೆ ಹೆಂಗಸರು ಬರುವುದೇ ಕಡಿಮೆಯಾಯಿತು, ಏನಾಗಿದೆಯೋ ಎಂದು ಊಟಕ್ಕೆ ಕೂತಾಗ ಹೇಳುತ್ತಾನೆ. ಅವಳು ತಟ್ಟೆಯಿಂದ ತಲೆ ಎತ್ತುವುದಿಲ್ಲ.